ಅಳಿಯದ ಗೋಡೆ

ಬಿಷಪ್ಪರ ಪೀಠವಿರುವ ಇಗರ್ಜಿಗೆ ಕೆಥೀಡ್ರಲ್ ಎಂದು ಹೆಸರು. ಯುಕ್ರೇನ್ ದೇಶದ ಕೆಥೀಡ್ರಲುಗಳ ವೃತ್ತಾಂತವನ್ನು ಹೇಳಹೊರಟವರು ಕೀವ್ ನಗರದ ಸೋಫಿಯಾ ಮಂದಿರದಿಂದಲೇ ಆರಂಭಿಸಬೇಕಾಗುತ್ತದೆ. ಸೋಫಿಯಾ ಎಂಬುದು ಇಲ್ಲಿ ಸ್ತ್ರೀಯೊಬ್ಬಳ ಹೆಸರಲ್ಲ. ಗ್ರೀಕ್ ಭಾಷೆಯಲ್ಲಿ ಅದಕ್ಕೆ ಜ್ಞಾನವೆಂದರ್ಥ. ಕೀವಿನ ದೊರೆ ವೊಲೊದಿಮಿರನು 988ರಲ್ಲಿ ಕ್ರೈಸ್ತಮತವನ್ನು ಸ್ವೀಕರಿಸಿದನು. 11ನೆಯ ಶತಮಾನದ ಪೂರ್ವಾರ್ಧದಲ್ಲಿ ಆತನ ಮಗ ಯಾರೋಸ್ಲಾವನು ದೇವರ ಜ್ಞಾನಕ್ಕೆ ಅರ್ಪಿಸಿದ ಮಂದಿರವಿದು.

ಹೊರಗೆ ನಿಂತು ನೋಡುವವನಿಗೆ ಆ ಶತಮಾನ ಕಾಣಸಿಗುವುದೇ ಇಲ್ಲ. ಬಿಳಿಯ ಗೋಡೆ, ಹಸಿರು ಮತ್ತು ಹೊನ್ನಿನ ಗುಮ್ಮಟಗಳು, ಎಲ್ಲವೂ 17 ಮತ್ತು 18ನೆಯ ಶತಮಾನಗಳ ಬರೋಕ್ ಶೈಲಿಯ ಉಡುಗೆ. ಒಳಗೆ ಕಾಲಿಟ್ಟೊಡನೆ ಬೈಜಾಂಟಿಯಮ್ ಎದುರಾಗುತ್ತದೆ. ಸುಮಾರು 260 ಚದರ ಮೀಟರಿನಷ್ಟು ಮೊಸಾಯಿಕ್, ಸುಮಾರು 3000 ಚದರ ಮೀಟರಿನಷ್ಟು ಭಿತ್ತಿಚಿತ್ರ ಅಲ್ಲಿ ಉಳಿದುಬಂದಿವೆ. ನಮ್ಮ ಗರ್ಭಗೃಹದ ಸ್ಥಾನದಲ್ಲಿರುವ ಅರ್ಧವೃತ್ತಾಕಾರದ ಗೋಡೆಯ ಮೇಲೆ, ಹೊಂಬಣ್ಣದ ಗಾಜಿನ ಹರಳುಗಳ ನಡುವೆ, ಎರಡು ಕೈಗಳನ್ನೂ ಮೇಲೆತ್ತಿ ಪ್ರಾರ್ಥಿಸುತ್ತಿರುವ ದೇವಮಾತೆ ನಿಂತಿದ್ದಾಳೆ. ಐದು ಮೀಟರಿಗೂ ಮಿಕ್ಕಿದ ಎತ್ತರ. ಜನರು ಆಕೆಯನ್ನು 'ಅಳಿಯದ ಗೋಡೆ' ಎಂದು ಕರೆದರು. ಆಕೆ ನಿಂತಿರುವವರೆಗೆ ಕೀವ್ ನಗರವೂ ನಿಂತಿರುತ್ತದೆ ಎಂಬುದು ಅವರ ನಂಬಿಕೆ.

ಸಮೀಪದಲ್ಲಿಯೇ ಇದ್ದ ಸಂತ ಮೈಕೇಲನ ಸ್ವರ್ಣಶಿಖರ ಮಂದಿರಕ್ಕೆ ಅಂತಹ ಅಭಯವಿರಲಿಲ್ಲ. 12ನೆಯ ಶತಮಾನದ ಆದಿಯಲ್ಲಿ ಕಟ್ಟಿದ ಅದನ್ನು ಕೆಡವಿ ಸರ್ಕಾರಿ ಸೌಧಗಳನ್ನೆಬ್ಬಿಸಬೇಕೆಂದು 1934ರಲ್ಲಿ ಸೋವಿಯತ್ ಅಧಿಕಾರಿಗಳು ನಿಶ್ಚಯಿಸಿದರು. ಮಂದಿರಕ್ಕೆ ಐತಿಹಾಸಿಕ ಬೆಲೆಯಿಲ್ಲವೆಂಬ ಪತ್ರಕ್ಕೆ ವಿದ್ವಾಂಸರ ರುಜು ಬೇಕಾಗಿತ್ತು. ಮಿಕೋಲಾ ಮಕರೆಂಕೊ ಎಂಬ ಕಲಾ ಇತಿಹಾಸಕಾರರು ರುಜು ಹಾಕಲೊಲ್ಲೆನೆಂದರು. ಅವರನ್ನು ಬಂಧಿಸಿ ಗಡೀಪಾರು ಮಾಡಿದರು. 1938ರಲ್ಲಿ ಗುಂಡಿಟ್ಟು ಕೊಂದರು. ಅದಕ್ಕೆ ಮೊದಲೇ, 1937ರಲ್ಲಿ, ಮಂದಿರವನ್ನು ಸಿಡಿಮದ್ದಿನಿಂದ ಉರುಳಿಸಲಾಗಿತ್ತು. ಇಷ್ಟಾಗಿಯೂ ಆ ನಿವೇಶನದಲ್ಲಿ ಉದ್ದೇಶಿತ ಸೌಧವೇನೂ ಏಳಲಿಲ್ಲ. ಗೋಡೆಯಿಂದ ಬಿಡಿಸಿ ತೆಗೆದ ಮೊಸಾಯಿಕುಗಳಲ್ಲಿ ಕೆಲವು ಸೋಫಿಯಾ ಮಂದಿರವನ್ನು ಸೇರಿದವು. ಸಂತ ದಿಮಿತ್ರಿಯ ಚಿತ್ರವು ಮಾಸ್ಕೋದ ತ್ರೆತ್ಯಕೋವ್ ಚಿತ್ರಶಾಲೆಯ ಪಾಲಾಯಿತು. ದೇಶವು 1991ರಲ್ಲಿ ಸ್ವತಂತ್ರವಾದ ಮೇಲೆ ಮಂದಿರವನ್ನು ಮೊದಲಿನ ರೂಪದಲ್ಲಿಯೇ ಮತ್ತೆ ಕಟ್ಟಿದರು. ಒಂದು ರುಜುವನ್ನು ನಿರಾಕರಿಸಿದವರ ಪ್ರಾಣವನ್ನು ಮಾತ್ರ ಯಾರು ಕಟ್ಟಿಕೊಡಬಲ್ಲರು?

ಕಲ್ಲನ್ನು ಕೆಡವಬಹುದು, ಆಕಾರ ಜನರೊಡನೆ ಪಯಣಿಸುತ್ತದೆ. ಆಸ್ಟ್ರಿಯದ ಆಳ್ವಿಕೆಯಲ್ಲಿದ್ದ ಗಲೀಶಿಯ ಪ್ರಾಂತದಿಂದ ಅಮೆರಿಕೆಗೆ ವಲಸೆ ಹೋದ ಶ್ರಮಜೀವಿಗಳು ಮೊದಲ ಮಹಾಯುದ್ಧದ ಹೊತ್ತಿಗೆ ಷಿಕಾಗೋದಲ್ಲಿ ಸಂತ ನಿಕೋಲಸನ ಕೆಥೀಡ್ರಲನ್ನು ಕಟ್ಟಿಕೊಂಡರು. ಅದಕ್ಕೂ ಕೀವಿನ ಸೋಫಿಯಾಳಂತೆ 13 ಗುಮ್ಮಟಗಳು. ಅವರಲ್ಲಿ ಕೀವನ್ನು ಕಣ್ಣಾರೆ ಕಂಡವರು ವಿರಳವಾಗಿದ್ದಿರಬೇಕು.

ರೋಮ್ ನಗರದ ಕಥೆ ಇನ್ನೂ ಮನಮುಟ್ಟುವಂಥದು. ಎಲ್ವೀವ್ ನಗರದ ಆರ್ಚ್‌ಬಿಷಪ್ ಯೋಸಿಫ್ ಸ್ಲಿಪೀಯ್ ಅವರು ಗ್ರೀಕ್ ಕ್ಯಾಥೊಲಿಕ್ ಸಭೆಯ ಮುಖ್ಯಸ್ಥರು. ಪೂಜಾವಿಧಿಯಲ್ಲಿ ಪೂರ್ವದೇಶದ ಪದ್ಧತಿ, ನಿಷ್ಠೆಯಲ್ಲಿ ರೋಮಿನ ಪೋಪರಿಗೆ ಅಧೀನ, ಹೀಗಿರುವ ಸಭೆಯದು. 1945ರಲ್ಲಿ ಅವರು ಬಂಧಿತರಾದರು. ಮರುವರ್ಷ ಸಭೆಯನ್ನೇ ರದ್ದುಗೊಳಿಸಿ ಅದರ ಇಗರ್ಜಿಗಳನ್ನು ಆರ್ಥೊಡಾಕ್ಸ್ ಸಭೆಗೆ ವಹಿಸಲಾಯಿತು. ಭಕ್ತರು ಮನೆಗಳಲ್ಲಿ, ಕಾಡುಗಳಲ್ಲಿ ಗುಟ್ಟಾಗಿ ಪೂಜೆ ಸಲ್ಲಿಸಿದರು. ಹದಿನೆಂಟು ವರ್ಷಗಳ ಸೆರೆವಾಸದ ಬಳಿಕ 1963ರಲ್ಲಿ ಬಿಡುಗಡೆ ಹೊಂದಿ ರೋಮಿಗೆ ಬಂದ ಆ ವೃದ್ಧರು ಅಲ್ಲಿ ಕಟ್ಟಿಸಿದ ಮಂದಿರಕ್ಕೆ ಸೋಫಿಯಾ ಎಂದೇ ಹೆಸರಿಟ್ಟರು. 1969ರಲ್ಲಿ ಅದರ ಪ್ರತಿಷ್ಠೆಯಾಯಿತು. ಕ್ಯಾಥೊಲಿಕರು ಆರ್ಥೊಡಾಕ್ಸರ ಮಂದಿರವನ್ನು ಆದರ್ಶವಾಗಿ ಹಿಡಿದುದು ವಿಚಿತ್ರವೆನಿಸಬಹುದು. ಆದರೆ ಮೂಲ ಸೋಫಿಯಾ ಮಂದಿರದ ಕಟ್ಟಡ ಆರಂಭವಾದುದು 1054ರ ಮಹಾಭೇದಕ್ಕೆ ಮೊದಲು. ಆಕೆ ಇಬ್ಬರಿಗೂ ತಾಯಿ. 1984ರಲ್ಲಿ ತೀರಿಕೊಂಡ ಸ್ಲಿಪೀಯ್ ಅವರ ದೇಹ 1992ರಲ್ಲಿ ಎಲ್ವೀವಿನ ಸಂತ ಜಾರ್ಜನ ಕೆಥೀಡ್ರಲಿಗೆ ಮರಳಿತು.

ರಷ್ಯವು 2022ರಲ್ಲಿ ನಡೆಸಿದ ಆಕ್ರಮಣದಿಂದಾದ ಯುದ್ಧದಲ್ಲಿ ಈ ಮಂದಿರಗಳಿಗೆ ಮತ್ತೆ ಗಂಡಾಂತರ ಒದಗಿದೆ. ಒಡೆಸಾದ ರೂಪಾಂತರ ಕೆಥೀಡ್ರಲು 1936ರಲ್ಲಿ ನೆಲಸಮವಾಗಿ, ಸ್ವಾತಂತ್ರ್ಯಾನಂತರ ಮತ್ತೆ ತಲೆಯೆತ್ತಿತ್ತು. 2023ರ ಜುಲೈಯಲ್ಲಿ ಕ್ಷಿಪಣಿಯ ಪೆಟ್ಟಿಗೆ ಗುರಿಯಾಯಿತು. ಅದೇ ವರ್ಷ ಯುನೆಸ್ಕೊ ಸಂಸ್ಥೆಯು ಕೀವಿನ ಸೋಫಿಯಾ ಮಂದಿರವನ್ನು ಅಪಾಯದಲ್ಲಿರುವ ವಿಶ್ವಪರಂಪರೆಯ ತಾಣಗಳ ಪಟ್ಟಿಗೆ ಸೇರಿಸಿತು. 2025ರ ಜೂನ್ ತಿಂಗಳಲ್ಲಿ ನಗರದ ಮೇಲೆ ನಡೆದ ದಾಳಿಯ ಸ್ಫೋಟದ ರಭಸಕ್ಕೆ ಮಂದಿರದ ಹೊರಗೋಡೆಯ ಮೇಲಂಚು ಜಖಮಾಯಿತು. ದೇವಮಾತೆಯ ಚಿತ್ರವಿರುವುದು ಆ ಗೋಡೆಯ ಒಳಮೈಯಲ್ಲಿ.