ಮೀಟರ್ ಇಲ್ಲದ ಟ್ಯಾಕ್ಸಿಯ ಲೆಕ್ಕ

ಅಂಧೇರಿ ರೈಲು ನಿಲ್ದಾಣದ ಪೂರ್ವ ದಿಕ್ಕಿನಲ್ಲಿ ನಿಂತವರಿಗೆ ಪಶ್ಚಿಮದ ಬೀದಿ ಕೂಗಳತೆಯಲ್ಲೇ ಇದೆ. ನಡುವೆ ಅಡ್ಡ ಇರುವುದು ಹಳಿಗಳು. ಆದರೆ 2022ರ ನವೆಂಬರ್ 7ರಂದು ಗೋಖಲೆ ಮೇಲ್ಸೇತುವೆಯನ್ನು ಒಡೆದು ಕಟ್ಟಲೆಂದು ಮುಚ್ಚಿದಾಗ ವಾಹನಗಳ ಪಾಲಿಗೆ ಆ ಕೂಗಳತೆ ಜೋಗೇಶ್ವರಿಯನ್ನೋ ವಿಲೆ ಪಾರ್ಲೆಯನ್ನೋ ಬಳಸಿ ಬರುವ ದಾರಿಯಾಯಿತು. ಅಂಧೇರಿ ಸಬ್‌ವೇ ಇದೆಯಲ್ಲ ಎನ್ನಬಹುದು. ಜೋರು ಮಳೆ ಬಿದ್ದರೆ ಮೊದಲು ನೀರು ನಿಲ್ಲುವುದೇ ಅಲ್ಲಿ. ಸೇತುವೆಯ ಒಂದು ಬದಿ 2024ರ ಫೆಬ್ರವರಿಯಲ್ಲಿ ತೆರೆಯಿತು, ಪೂರ್ತಿ ತೆರೆಯಲು 2025ರ ಮೇ ತಿಂಗಳೇ ಬರಬೇಕಾಯಿತು. ಸೇತುವೆ ಪೂರ್ತಿ ಮುಚ್ಚಿದ್ದ ಕಾಲದಲ್ಲಿ ಪೂರ್ವದಲ್ಲಿ ನಿಂತು ಟ್ಯಾಕ್ಸಿ ಕರೆದವರ ಮೊಬೈಲಿನಲ್ಲಿ ಹಳಿಯಾಚೆಯ ಕಾರು ಎಷ್ಟು ಹತ್ತಿರ ಕಂಡರೂ ಅದು ಹತ್ತಿರದ ಕಾರಾಗಿರಲಿಲ್ಲ.

ಮುಂಬೈಯಲ್ಲಿ ಆ್ಯಪ್ ಟ್ಯಾಕ್ಸಿಗಳ ಲೆಕ್ಕಾಚಾರ ಶುರುವಾಗುವುದೇ ಇಲ್ಲಿಂದ. ಇದು ಉದ್ದಕ್ಕೆ ಚಾಚಿಕೊಂಡ ನಗರ, ಅದನ್ನು ರೈಲು ಹಳಿಗಳು ಉದ್ದಕ್ಕೇ ಸೀಳಿವೆ. ದಾಟಬೇಕೆಂದರೆ ಎಲ್ಲೋ ಒಂದು ಮೇಲ್ಸೇತುವೆಯನ್ನೋ ಸಬ್‌ವೇಯನ್ನೋ ಹುಡುಕಬೇಕು. ಆದ್ದರಿಂದ ಆ್ಯಪ್ ಮೀಟರುಗಳನ್ನು ಎಣಿಸುವುದಿಲ್ಲ, ನಿಮಿಷಗಳನ್ನು ಎಣಿಸುತ್ತದೆ. ಚಾಲಕರ ಮೊಬೈಲುಗಳು ತಾವೆಲ್ಲಿದ್ದೇವೆ ಎಂದು ಕೆಲವು ಸೆಕೆಂಡಿಗೊಮ್ಮೆ ಕಂಪನಿಯ ಕಂಪ್ಯೂಟರಿಗೆ ವರದಿ ಒಪ್ಪಿಸುತ್ತಿರುತ್ತವೆ. ನಕ್ಷೆ, ಈ ಹೊತ್ತಿನ ವಾಹನ ದಟ್ಟಣೆ, ವಾರದ ಇದೇ ದಿನ ಇದೇ ವೇಳೆಯಲ್ಲಿ ಹಿಂದೆ ಎಷ್ಟು ಹೊತ್ತು ಹಿಡಿದಿತ್ತು ಎಂಬ ದಾಖಲೆ ಎಲ್ಲವನ್ನೂ ಸೇರಿಸಿ, ಯಾವ ಕಾರು ಎಷ್ಟು ನಿಮಿಷದಲ್ಲಿ ಬಂದೀತು ಎಂದು ಕಂಪ್ಯೂಟರ್ ಅಂದಾಜು ಕಟ್ಟುತ್ತದೆ. ಊಬರ್ ಇಡೀ ಭೂಮಿಯನ್ನೇ ಆರು ಮೂಲೆಯ ಪುಟ್ಟ ಪುಟ್ಟ ಮನೆಗಳಾಗಿ ಭಾಗ ಮಾಡಿಕೊಂಡಿದೆ. ‘ಎಚ್3’ ಎಂಬ ಈ ವಿಧಾನವನ್ನು ಅದು 2018ರಲ್ಲಿ ಎಲ್ಲರೂ ಬಳಸಲು ಮುಕ್ತಗೊಳಿಸಿತು. ಯಾವ ಮನೆಯಲ್ಲಿ ಎಷ್ಟು ಕಾರು, ಎಷ್ಟು ಗಿರಾಕಿ ಎಂಬ ಎಣಿಕೆ ಸದಾ ನಡೆಯುತ್ತಿರುತ್ತದೆ.

ಇಷ್ಟಾದ ಮೇಲೂ, ಬೇಗ ತಲುಪುವ ಕಾರೇ ಸಿಗುತ್ತದೆಂಬ ಖಾತರಿಯಿಲ್ಲ. ಅದಕ್ಕೆ ಒಳ್ಳೆಯ ಕಾರಣವೇ ಇದೆ.

ಘಾಟ್ಕೋಪರಿನಲ್ಲಿ ಇಬ್ಬರು ಒಂದೇ ಗಳಿಗೆಯಲ್ಲಿ ಟ್ಯಾಕ್ಸಿ ಕೇಳಿದರು ಎಂದುಕೊಳ್ಳೋಣ. ಸುತ್ತ ಖಾಲಿ ಇರುವುದು ಎರಡೇ ಕಾರು. ಮೊದಲ ಕಾರು ಮೊದಲ ಗಿರಾಕಿಗೆ 2 ನಿಮಿಷ, ಎರಡನೆಯವರಿಗೆ 3 ನಿಮಿಷ ದೂರ. ಎರಡನೆಯ ಕಾರು ಮೊದಲ ಗಿರಾಕಿಗೆ 4 ನಿಮಿಷ, ಎರಡನೆಯವರಿಗೆ 12 ನಿಮಿಷ ದೂರ. ಮೊದಲು ಕೇಳಿದವರಿಗೆ ಹತ್ತಿರದ್ದನ್ನು ಕೊಟ್ಟುಬಿಟ್ಟರೆ ಇಬ್ಬರ ಕಾಯುವಿಕೆ ಸೇರಿ 14 ನಿಮಿಷ. ಅದಲು ಬದಲು ಮಾಡಿದರೆ ಬರೀ 7 ನಿಮಿಷ. ಮೊದಲಿನವರು ಎರಡು ನಿಮಿಷ ಹೆಚ್ಚು ಕಾದರೆ ಎರಡನೆಯವರಿಗೆ ಒಂಬತ್ತು ನಿಮಿಷ ಉಳಿಯುತ್ತದೆ. ಅಷ್ಟು ದೂರ ಖಾಲಿ ಗಾಡಿ ಓಡಿಸುವ ಚಾಲಕನ ಸಿಎನ್‌ಜಿಯೂ ಉಳಿಯುತ್ತದೆ. ಹೀಗಾಗಿ ಕಂಪ್ಯೂಟರ್ ಬುಕಿಂಗ್ ಬಂದೊಡನೆ ಅದನ್ನು ಯಾರಿಗೂ ಒಪ್ಪಿಸಿಬಿಡದೆ ಕೆಲವು ಸೆಕೆಂಡು ತಡೆದು, ಆ ಅವಧಿಯ ಬೇಡಿಕೆಗಳನ್ನೂ ಕಾರುಗಳನ್ನೂ ಒಟ್ಟಿಗೆ ಹರಡಿಕೊಂಡು ಜೋಡಿ ಮಾಡುತ್ತದೆ. ಈ ಲೆಕ್ಕಕ್ಕೆ ಗಣಿತದಲ್ಲಿ ಹಳೆಯ ಹೆಸರಿದೆ. ಅಮೆರಿಕದ ಹೆರಾಲ್ಡ್ ಕೂನ್ 1955ರಲ್ಲಿ ಪ್ರಕಟಿಸಿದ ‘ಹಂಗೇರಿಯನ್ ವಿಧಾನ’ ಬಿಡಿಸಿದ್ದು ಇದೇ ಸಮಸ್ಯೆಯನ್ನು: ಇಷ್ಟು ಕೆಲಸ, ಇಷ್ಟು ಜನ, ಯಾರಿಗೆ ಯಾವುದನ್ನು ಹಂಚಿದರೆ ಒಟ್ಟು ಖರ್ಚು ಕಡಿಮೆ? ಈ ಸಣ್ಣ ತಾಳ್ಮೆಯಿಂದ ನಗರಕ್ಕೆ ನಿಜಕ್ಕೂ ಉಪಕಾರವಾಗಿದೆ. ಬೀದಿಯಲ್ಲಿ ಕೈಯೆತ್ತಿ ನಿಲ್ಲುವ ಪದ್ಧತಿಯಲ್ಲಿ ಇದು ಸಾಧ್ಯವೇ ಇರಲಿಲ್ಲ.

ಜೋಡಿ ಮಾಡುವುದಕ್ಕೆ ಊರಿನ ಕಾನೂನೂ ಗೊತ್ತಿರಬೇಕು. ಬಾಂದ್ರಾ, ಸಯನ್ ದಾಟಿ ದಕ್ಷಿಣಕ್ಕೆ ಆಟೊ ಹೋಗುವಂತಿಲ್ಲ. ಮಾಟುಂಗಾದ ಉಡುಪಿ ಹೋಟೆಲಿನಲ್ಲಿ ತಿಂಡಿ ಮುಗಿಸಿ ಹೊರಬಂದವರು ಎಷ್ಟು ಒತ್ತಿದರೂ ಆ್ಯಪ್ ಅವರಿಗೆ ಆಟೊ ಕೊಡಲಾರದು. ವಿಮಾನ ನಿಲ್ದಾಣದಲ್ಲಿ ಸರದಿ ನಡೆಯುತ್ತದೆ. ಗೊತ್ತುಪಡಿಸಿದ ಗಡಿಯೊಳಗೆ ಮೊದಲು ಬಂದ ಕಾರಿಗೆ ಮೊದಲ ಬಾಡಿಗೆ. ಇದರ ಮೇಲೆ ಚಾಲಕನ ಇಷ್ಟಾನಿಷ್ಟವೂ ಇದೆ. ಸಂಜೆ ಮನೆ ಕಡೆ ಹೊರಟವನಿಗೆ ವಿರುದ್ಧ ದಿಕ್ಕಿನ ಟ್ರಿಪ್ ಬೇಡ. ‘ಎಲ್ಲಿಗೆ? ಕ್ಯಾಶಾ, ಆನ್‌ಲೈನಾ?’ ಎಂದು ಫೋನು ಮಾಡಿ ಕೇಳಿ ಬುಕಿಂಗ್ ಕ್ಯಾನ್ಸಲ್ ಮಾಡುವ ಪಾಡು ತಪ್ಪಿಸಲು ಊಬರ್ 2022ರಲ್ಲಿ ಭಾರತದ ಚಾಲಕರಿಗೆ ಹೋಗಬೇಕಾದ ಜಾಗವನ್ನೂ ಹಣ ಕೊಡುವ ಬಗೆಯನ್ನೂ ಮೊದಲೇ ತೋರಿಸತೊಡಗಿತು.

ಜೋಡಿ ಮಾಡುವ ಕೆಲಸ ಇಷ್ಟು ಚೊಕ್ಕ. ಜಗಳವಿರುವುದು ಬಾಡಿಗೆಯಲ್ಲಿ.

ಈ ಜಗಳ ಅರ್ಥವಾಗಬೇಕಾದರೆ ಮುಂಬೈಯ ಹಳೆಯ ಕಪ್ಪು-ಹಳದಿ ಟ್ಯಾಕ್ಸಿ ‘ಕಾಲಿ-ಪೀಲಿ’ಯನ್ನು ನೆನೆಯಬೇಕು. ಆ ಟ್ಯಾಕ್ಸಿಯಾಗಿ ಓಡುತ್ತಿದ್ದ ಪ್ರೀಮಿಯರ್ ಪದ್ಮಿನಿಯ ಎಡ ಮುಂಬದಿಯಲ್ಲಿ, ಕಾರಿನ ಹೊರಗೇ, ಕಬ್ಬಿಣದ ಮೀಟರ್ ಇರುತ್ತಿತ್ತು. ಚಾಲಕ ಕೈ ಹೊರಚಾಚಿ ಅದರ ಬಾವುಟ ತಿರುಗಿಸಿದರೆ ‘ಮೀಟರ್ ಡೌನ್’. ಅದು ತೋರಿಸುವ ಅಂಕಿ ಹಳೆಯ ಕಾಲದ್ದು, ಇಂದಿನ ಬಾಡಿಗೆ ಎಷ್ಟೆಂದು ತಿಳಿಯಲು ದರಪಟ್ಟಿಯ ಕಾರ್ಡ್ ನೋಡಬೇಕು. ಒರಟು ವ್ಯವಸ್ಥೆ ನಿಜ. ಆದರೆ ಅಂಕಿ ಒಂದೇ ಇತ್ತು, ಮುಂದೆ ಕೂತವನಿಗೂ ಹಿಂದೆ ಕೂತವರಿಗೂ ಅದೇ ಕಾಣುತ್ತಿತ್ತು. ಆ ದರ ಹುಟ್ಟುತ್ತಿದ್ದುದೂ ಬಹಿರಂಗವಾಗಿಯೇ. 1949ರಲ್ಲಿ ಮಂಗಳೂರಿನಿಂದ ಬರಿಗೈಯಲ್ಲಿ ಬಂದ ಜಾರ್ಜ್ ಫರ್ನಾಂಡಿಸ್ ಈ ಊರಿನ ಟ್ಯಾಕ್ಸಿ ಚಾಲಕರ ಸಂಘ ಕಟ್ಟಿದವರು. ಸಂಘಗಳು ಬೀದಿಗಿಳಿಯುವುದು, ಸರ್ಕಾರ ಮಾತುಕತೆಗೆ ಕರೆಯುವುದು, ಗ್ರಾಹಕರ ಪರ ಇರುವವರು ತಕರಾರು ಎತ್ತುವುದು, ಎಲ್ಲವೂ ಪತ್ರಿಕೆಗಳಲ್ಲಿ ಬರುತ್ತಿತ್ತು. ಮುಂದೆ ದರ ನಿಗದಿಗೆಂದು ನೇಮಿಸಿದ್ದ ಹಕೀಂ ಸಮಿತಿಯ ಸೂತ್ರ 2012ರಲ್ಲಿ ಜಾರಿಗೆ ಬಂದಾಗ ಗಾಡಿಯ ಬೆಲೆ, ಇಂಧನ, ದುರಸ್ತಿ, ವಿಮೆ, ಚಾಲಕನ ಜೀವನವೆಚ್ಚ ಎಲ್ಲವೂ ಲೆಕ್ಕದ ಸಾಲುಗಳಾದವು.

2025ರ ಫೆಬ್ರವರಿ 1ರಿಂದ ಮುಂಬೈಯಲ್ಲಿ ಕಾಲಿ-ಪೀಲಿಗೆ ಮೊದಲ ಒಂದೂವರೆ ಕಿಲೋಮೀಟರಿಗೆ 31 ರೂಪಾಯಿ, ಆಮೇಲೆ ಕಿಲೋಮೀಟರಿಗೆ 20.66. ಆಟೊಗೆ 26 ಮತ್ತು 17.14. ಐದು ಕಿಲೋಮೀಟರ್ ಹೋದರೆ ಟ್ಯಾಕ್ಸಿಗೆ ಸುಮಾರು 103, ಆಟೊಗೆ 86. ಮಧ್ಯರಾತ್ರಿಯಿಂದ ಬೆಳಗಿನ ಐದರವರೆಗೆ ಕಾಲು ಪಾಲು ಹೆಚ್ಚು. ಬಾಯಿಲೆಕ್ಕ ಬಲ್ಲ ಯಾರಾದರೂ ಪರೀಕ್ಷಿಸಬಹುದು.

ಆ್ಯಪಿನ ಬಾಡಿಗೆ ಹೀಗಲ್ಲ. ಗಾಡಿ ಹತ್ತುವ ಮೊದಲೇ ಅದು ಒಂದು ಮೊತ್ತ ಹೇಳುತ್ತದೆ. ಅದರೊಳಗೆ ಮೂಲ ದರ, ಅಂದಾಜು ದೂರ, ಅಂದಾಜು ಸಮಯ, ಟೋಲ್, ಶೇ 5ರ ಜಿಎಸ್‌ಟಿ ಇರುತ್ತವೆ. ಆ ಗಳಿಗೆಯ ಬೇಡಿಕೆ ನೋಡಿ ಏರಿಸುವ ಅಥವಾ ಇಳಿಸುವ ಒಂದು ಅಂಶವೂ ಸೇರುತ್ತದೆ. ಮೀಟರ್ ಆಗಿಹೋದದ್ದನ್ನು ಅಳೆಯುತ್ತಿತ್ತು. ಆ್ಯಪ್ ಆಗಲಿರುವುದನ್ನು ಊಹಿಸಿ ಬೆಲೆ ಕಟ್ಟುತ್ತದೆ. ಸಿಗ್ನಲ್ಲಿನಲ್ಲಿ ಅಂಕಿ ಏರುವುದನ್ನು ನೋಡುತ್ತ ಎದೆ ಬಡಿದುಕೊಳ್ಳುವ ಸಂಕಟ ಪ್ರಯಾಣಿಕರಿಗೆ ಇಲ್ಲ. ಈ ನೆಮ್ಮದಿಯನ್ನು ಕಡೆಗಣಿಸುವಂತಿಲ್ಲ.

ಬೇಡಿಕೆ ಏರಿದಾಗ ದರ ಏರಿಸುವ ‘ಸರ್ಜ್’ ಬಗ್ಗೆ ಜನರಿಗೆ ಕೋಪ ಹೆಚ್ಚು. ಅದರ ಪರವಾದ ವಾದವನ್ನೂ ಕೇಳಬೇಕು. ಕಾರುಗಳು ಕಡಿಮೆಯಾದಾಗ ಖಾಲಿ ಇರುವ ಒಂದೊಂದು ಕಾರೂ ಗಿರಾಕಿಯಿಂದ ದೂರವಿರುತ್ತದೆ. ಚಾಲಕರ ಸಮಯವೆಲ್ಲ ದೂರದ ಪಿಕಪ್‌ಗೆ ಖಾಲಿ ಓಡುವುದರಲ್ಲೇ ಕಳೆಯುತ್ತದೆ, ಅದರಿಂದ ಕಾರುಗಳು ಮತ್ತಷ್ಟು ಕಡಿಮೆಯಾಗುತ್ತವೆ. ಈ ಸುಳಿಯಿಂದ ಪಾರಾಗಲು ದರ ಏರಿಕೆ ನೆರವಾಗುತ್ತದೆ ಎಂದು ಕಸ್ಟಿಲೊ, ನೆಪ್ಫಲ್, ವೇಯ್ಲ್ ಎಂಬ ಅರ್ಥಶಾಸ್ತ್ರಜ್ಞರು 2017ರಲ್ಲಿ ತೋರಿಸಿದರು. ಅವಸರವಿಲ್ಲದವರು ಹಿಂದೆ ಸರಿಯುತ್ತಾರೆ, ಮನೆಯಲ್ಲಿದ್ದ ಚಾಲಕ ಹೊರಗೆ ಬರುತ್ತಾನೆ. ಸಿನಿಮಾ ಬಿಟ್ಟ ಹೊತ್ತಿಗೆ, ಹಬ್ಬದ ರಾತ್ರಿಗೆ ಇದು ಸರಿ ಹೋದೀತು. ಜುಲೈ ಮಳೆಯಲ್ಲಿ ಅಂಧೇರಿ, ಮಿಲನ್ ಸಬ್‌ವೇಗಳು ತುಂಬಿ ಇಡೀ ರಸ್ತೆ ನಿಂತುಬಿಟ್ಟಾಗ ಏನು ಮಾಡುವುದು? ಎಷ್ಟು ದರ ಏರಿಸಿದರೂ ಹೊಸ ಕಾರು ಬರಲು ದಾರಿಯೇ ಇಲ್ಲ. ಆಗ ಸರ್ಜ್ ತೂಗಿ ನೋಡುವುದು ಗಿರಾಕಿಯ ಜೇಬನ್ನು ಮಾತ್ರ. ಅದಕ್ಕೊಂದು ಮಿತಿ ಇರಲೇಬೇಕು ಎನ್ನುವವರ ವಾದದಲ್ಲಿ ನ್ಯಾಯವಿದೆ.

ಇನ್ನೂ ಆಳದ ಸಮಸ್ಯೆ ಬೇರೆಯದು. ಮೊದಲೇ ಹೇಳುವ ಬಾಡಿಗೆ ಬಂದ ಮೇಲೆ ಅಂಕಿ ಎರಡಾಯಿತು. ಪ್ರಯಾಣಿಕರ ಮೊಬೈಲಿನಲ್ಲಿ ಒಂದು, ಚಾಲಕನ ಮೊಬೈಲಿನಲ್ಲಿ ಇನ್ನೊಂದು. ನಡುವಿನ ವ್ಯತ್ಯಾಸ ಕಂಪನಿಯದು, ಅದು ಟ್ರಿಪ್ಪಿನಿಂದ ಟ್ರಿಪ್ಪಿಗೆ ಬದಲಾಗಬಹುದು. ಇದರ ಬಿಸಿ ಚಾಲಕರಿಗೆ ಹೇಗೆ ತಟ್ಟಿತೆಂದು ತಿಳಿಯಲು ಸ್ವಲ್ಪ ಹಿಂದಕ್ಕೆ ಹೋಗಬೇಕು. ಓಲಾ ಹುಟ್ಟಿದ್ದೇ ಮುಂಬೈಯಲ್ಲಿ, 2010ರ ಡಿಸೆಂಬರಿನಲ್ಲಿ. ಐಐಟಿ ಬಾಂಬೆಯಲ್ಲಿ ಓದಿದ ಭವಿಶ್ ಅಗರ್‌ವಾಲ್, ಅಂಕಿತ್ ಭಾಟಿ ಅದನ್ನು ಕಟ್ಟಿದರು, ಆಮೇಲೆ ನೆಲೆ ಬೆಂಗಳೂರಿಗೆ ಬದಲಾಯಿತು. ಊಬರ್ 2013ರಲ್ಲಿ ಮೊದಲು ಬೆಂಗಳೂರಿಗೆ ಬಂದು, ಮರುವರ್ಷ ಮುಂಬೈಗೆ ಕಾಲಿಟ್ಟಿತು. ಆರಂಭದ ವರ್ಷಗಳಲ್ಲಿ ಗಿರಾಕಿಗೆ ರಿಯಾಯಿತಿ, ಚಾಲಕನಿಗೆ ಪ್ರೋತ್ಸಾಹಧನ ಧಾರಾಳವಾಗಿ ಹರಿದವು. ಅದನ್ನು ನಂಬಿ ಸಾಲ ಮಾಡಿ ಕಾರು ಕೊಂಡವರು ಬಹಳ. ಪ್ರೋತ್ಸಾಹಧನ ಇಳಿಯಿತು, ಕಂತು ಇಳಿಯಲಿಲ್ಲ. 2018ರ ಅಕ್ಟೋಬರ್ 22ರಿಂದ ಮುಂಬೈಯ ಓಲಾ, ಊಬರ್ ಚಾಲಕರು ಹತ್ತು ದಿನಕ್ಕೂ ಹೆಚ್ಚು ಕಾಲ ಮುಷ್ಕರ ಹೂಡಿದ್ದು ಈ ನೋವಿನಿಂದಲೇ.

ಆ್ಯಪಿನ ಒಂದೇ ಸೂತ್ರ ಎಲ್ಲ ಚಾಲಕರ ದರವನ್ನೂ ನಿರ್ಧರಿಸುವುದು ಕೂಟ ಕಟ್ಟಿ ಬೆಲೆ ಏರಿಸಿದಂತಲ್ಲವೇ ಎಂಬ ಪ್ರಶ್ನೆಯೂ ಸ್ಪರ್ಧಾ ಆಯೋಗಕ್ಕೆ ಹೋಯಿತು. ಚಾಲಕರು ತಮ್ಮೊಳಗೆ ಒಪ್ಪಂದ ಮಾಡಿಕೊಂಡಿಲ್ಲ ಎಂದು ಆಯೋಗ 2018ರಲ್ಲಿ ದೂರನ್ನು ತಳ್ಳಿಹಾಕಿತು. 2020ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟ್ ಅದನ್ನೇ ಎತ್ತಿಹಿಡಿಯಿತು.

ಕಾಣದ ಲೆಕ್ಕದ ಮೇಲೆ ಅನುಮಾನ ಹುಟ್ಟುವುದು ಸಹಜ. ಐಫೋನಿಗೊಂದು, ಆಂಡ್ರಾಯ್ಡಿಗೊಂದು ದರ ತೋರಿಸಲಾಗುತ್ತಿದೆ ಎಂಬ ದೂರುಗಳ ಮೇಲೆ 2025ರ ಜನವರಿಯಲ್ಲಿ ಗ್ರಾಹಕ ರಕ್ಷಣಾ ಪ್ರಾಧಿಕಾರ ಓಲಾ, ಊಬರ್ ಎರಡಕ್ಕೂ ನೋಟಿಸ್ ಕೊಟ್ಟಿತು. ಅದನ್ನು ಪ್ರಕಟಿಸಿದವರು ಗ್ರಾಹಕ ವ್ಯವಹಾರಗಳ ಸಚಿವ, ಧಾರವಾಡದ ಸಂಸದ ಪ್ರಲ್ಹಾದ ಜೋಶಿ. ಕಂಪನಿಗಳು ಆರೋಪ ಅಲ್ಲಗಳೆದವು. ಅದೇ ವರ್ಷ ಮೇ ತಿಂಗಳಲ್ಲಿ, ಗಾಡಿ ಬರುವ ಮೊದಲೇ ಟಿಪ್ಸ್ ಕೇಳುವ ಪದ್ಧತಿಗೂ ನೋಟಿಸ್ ಹೋಯಿತು.

ಬೆಂಗಳೂರು ಇನ್ನೊಂದು ದಾರಿ ಹುಡುಕಿತು. 2022ರಲ್ಲಿ ಬಂದ ‘ನಮ್ಮ ಯಾತ್ರಿ’ ಕಮಿಷನ್ನನ್ನೇ ಬಿಟ್ಟು, ಚಾಲಕರಿಂದ ಸಣ್ಣ ಚಂದಾ ಪಡೆಯುವ ಹಾದಿ ಹಿಡಿಯಿತು. ಪ್ರಯಾಣಿಕ ಕೊಟ್ಟದ್ದು ಚಾಲಕನ ಕೈಗೇ. ಆಟೊ ಮಟ್ಟಿಗೆ ಊಬರ್ ಕೂಡ 2025ರ ಫೆಬ್ರವರಿಯಲ್ಲಿ ಇದೇ ಬಗೆಗೆ ತಿರುಗಿತು. ಪುಣೆಯ ಆ್ಯಪ್ ಚಾಲಕರು ‘ಓನ್ಲಿಮೀಟರ್’ ಎಂಬ ಜಾಲತಾಣದಲ್ಲಿ ಸರ್ಕಾರಿ ದರ ಲೆಕ್ಕ ಹಾಕಿ ಗಿರಾಕಿಗೆ ತೋರಿಸತೊಡಗಿದರು. ಮುಂಬೈಯ ಚಾಲಕರು 2025ರ ಜುಲೈಯಲ್ಲಿ ಆಜಾದ್ ಮೈದಾನದಲ್ಲಿ ಕೂತು ಕೇಳಿದ್ದು ಕಾಲಿ-ಪೀಲಿಗೆ ಸಮನಾದ ದರ. ಕೊನೆಯ ಪದ್ಮಿನಿ ಟ್ಯಾಕ್ಸಿಯ ಆಯುಸ್ಸು 2023ರ ಅಕ್ಟೋಬರಿನಲ್ಲೇ ಮುಗಿದಿತ್ತು, ಅದರ ದರಪಟ್ಟಿಯ ಮೇಲಿನ ನಂಬಿಕೆ ಮುಗಿದಿರಲಿಲ್ಲ.

ಮಹಾರಾಷ್ಟ್ರ ಸರ್ಕಾರ ಆ ದಿಕ್ಕಿಗೇ ಹೊರಳಿದೆ. 2025ರ ಸೆಪ್ಟೆಂಬರಿನಲ್ಲಿ ಮುಂಬೈ ಪ್ರದೇಶದ ಆ್ಯಪ್ ಕಾರುಗಳಿಗೆ ಕಿಲೋಮೀಟರಿಗೆ 22.72 ರೂಪಾಯಿಯ ದರ ಗೊತ್ತುಮಾಡಿತು. ಬೇಡಿಕೆ ಹೆಚ್ಚಿದಾಗ ಅದರ ಒಂದೂವರೆ ಪಟ್ಟು, ಅಂದರೆ 34.08ರವರೆಗೆ ಏರಿಸಬಹುದು. ಕಡಿಮೆಯಾದಾಗ ಕಾಲು ಪಾಲು ಬಿಟ್ಟು 17.04ರವರೆಗೆ ಇಳಿಸಬಹುದು. ಬಾಡಿಗೆಯಲ್ಲಿ ಕನಿಷ್ಠ ಶೇ 80 ಚಾಲಕನಿಗೆ ಸೇರಬೇಕು.

ಹಾಗಾಗಿ ಮುಂಬೈಯ ಪ್ರಯಾಣಿಕರು ಈಗ ಬಿಲ್ಲನ್ನು ಓದಬಹುದು. ಮೊದಲು ಟೋಲ್ ಸಾಲು ನೋಡಬೇಕು. ಬಾಂದ್ರಾ-ವರಳಿ ಸೇತುವೆ, ಅಟಲ್ ಸೇತುವೆಗಳಿಗೆ ಟೋಲ್ ಇದೆ. ಆದರೆ ದಹಿಸರ್, ವಾಶಿ, ಐರೋಳಿ ಮತ್ತು ಮುಲುಂಡಿನ ಎರಡು ನಾಕಾಗಳಲ್ಲಿ 2024ರ ಅಕ್ಟೋಬರ್ 15ರಿಂದ ಕಾರುಗಳಿಗೆ ಟೋಲ್ ಇಲ್ಲ, ಆ ಹೆಸರಿನಲ್ಲಿ ಹಣ ಹಿಡಿದಿದ್ದರೆ ದೂರು ಕೊಡಬಹುದು. ಟೋಲ್, ತೆರಿಗೆ ಕಳೆದು ಉಳಿದದ್ದನ್ನು ಕಿಲೋಮೀಟರಿನಿಂದ ಭಾಗಿಸಿದರೆ 17.04ಕ್ಕೂ 34.08ಕ್ಕೂ ನಡುವಿನ ಅಂಕಿ ಬರುತ್ತದೆಯೇ ನೋಡಬೇಕು. ಶೇ 80ರ ಲೆಕ್ಕ ಮಾತ್ರ ಈ ಬಿಲ್ಲಿನಲ್ಲಿ ಸಿಗುವುದಿಲ್ಲ. ಅದಿರುವುದು ಚಾಲಕನ ಮೊಬೈಲಿನಲ್ಲಿ, ಇಳಿಯುವ ಮುಂಚೆ ಕೇಳಿದರೆ ಅವನೇ ತೋರಿಸಿಯಾನು.