ನೇತ್ರಾವತಿಯ ಅಳಿವೆಯಲ್ಲಿ ಹೀಬ್ರೂ ಲಿಪಿ

ಕ್ರಿ. ಶ. 1132ನೆಯ ಇಸವಿಯ ಅಕ್ಟೋಬರ್ 17ರಂದು, ತುಳುನಾಡನ್ನು ಆಳುಪ ವಂಶದ ಅರಸರು ಆಳುತ್ತಿದ್ದ ಕಾಲದಲ್ಲಿ, ಮಂಗಳೂರು ಪಟ್ಟಣದಲ್ಲಿ ಅಬ್ರಹಾಂ ಬೆನ್ ಯಿಜು ಎಂಬ ಯೆಹೂದ್ಯ ವರ್ತಕನು ಆಶು ಎಂಬ ದಾಸಿಯೊಬ್ಬಳನ್ನು ದಾಸ್ಯದಿಂದ ಬಿಡಿಸಿ, ಅವಳಿಗೆ ಬೆರಾಖಾ ಎಂಬ ಹೀಬ್ರೂ ನಾಮಧೇಯವನ್ನಿತ್ತು, ತನ್ನ ಧರ್ಮಶಾಸ್ತ್ರದ ವಿಧಿಗನುಸಾರವಾಗಿ ಮುಕ್ತಿಪತ್ರವೊಂದನ್ನು ಬರೆದುಕೊಟ್ಟನು. ಇವಳೇ ಅವನ ಪತ್ನಿಯಾಗಿ ಅವನ ಮಕ್ಕಳಿಗೆ ತಾಯಿಯಾದಳೆಂದು ಪಂಡಿತರು ತಿಳಿಯುತ್ತಾರೆ. ವರ್ತಕನ ಹುಟ್ಟೂರು ಆಫ್ರಿಕಾದ ಉತ್ತರ ತೀರದ ಮಹ್ದೀಯ. ಅವನ ವ್ಯಾಪಾರದ ಪಾಲುಗಾರರಿದ್ದುದು ಏಡನ್ನಿನಲ್ಲಿ. ಅವನು ಮನೆ ಮಾಡಿ ಸಂಸಾರ ಹೂಡಿ ಸುಮಾರು ಹದಿನೇಳು ವರ್ಷ ಬಾಳಿದುದು ನಮ್ಮ ಮಂಗಳೂರನ್ನು ನೆಲೆಯಾಗಿಸಿಕೊಂಡು. ಹೀಬ್ರೂ ಭಾಷೆಯ ಚರಿತ್ರೆಯನ್ನು ಕನ್ನಡಿಗರಿಗೆ ಹೇಳಹೊರಟವನು ಯೆರೂಸಲೇಮಿನಿಂದ ಆರಂಭಿಸುವುದು ವಾಡಿಕೆಯಾಗಿದ್ದರೂ, ನೇತ್ರಾವತಿಯ ಅಳಿವೆಯಿಂದಲೇ ಆರಂಭಿಸುವ ಅನುಕೂಲವನ್ನು ಇವನು ನಮಗೆ ಒದಗಿಸಿದ್ದಾನೆ.

ಹೀಬ್ರೂ ಸೆಮಿಟಿಕ್ ಕುಲದ ಭಾಷೆ. ಅರಬ್ಬಿ, ಅರಮೇಯಿಕ್, ಫಿನೀಷಿಯನ್ ಭಾಷೆಗಳು ಇದರ ದಾಯಾದಿಗಳು. ಇದರ ಅಕ್ಷರಗಳು ಇಪ್ಪತ್ತೆರಡು ಮಾತ್ರ. ಬರವಣಿಗೆ ಬಲದಿಂದ ಎಡಕ್ಕೆ. ಬರೆಯುವುದು ಬಹುಮಟ್ಟಿಗೆ ವ್ಯಂಜನಗಳನ್ನೇ ಹೊರತು ಸ್ವರಗಳನ್ನಲ್ಲ. ಕ್ರಿ. ಪೂ. 586ರಲ್ಲಿ ಯೆರೂಸಲೇಮು ಬಾಬಿಲೋನಿಯರ ಕೈವಶವಾದ ಬಳಿಕ ಯೆಹೂದ್ಯರ ಆಡುಮಾತಿನೊಳಗೆ ಅರಮೇಯಿಕ್ ಕ್ರಮೇಣ ಪ್ರಬಲವಾಯಿತು; ಕ್ರಿಸ್ತಶಕದ ಮೊದಲ ಶತಮಾನಗಳು ಕಳೆಯುವಷ್ಟರಲ್ಲಿ ಹೀಬ್ರೂ ಯಾರ ತಾಯಿನುಡಿಯಾಗಿಯೂ ಉಳಿಯಲಿಲ್ಲ. ಆದರೂ ಅದು ಸತ್ತಿತೆಂದು ಹೇಳುವುದು ಸರಿಯಲ್ಲ. ಪ್ರಾರ್ಥನೆ ಅದರಲ್ಲಿ ನಡೆಯಿತು, ಕ್ರಿ. ಶ. 200ರ ಸುಮಾರಿಗೆ ಮಿಷ್ನಾ ಎಂಬ ಧರ್ಮಸಂಹಿತೆ ಅದರಲ್ಲಿ ಸಂಕಲಿತವಾಯಿತು. ಪಾಠ ಕೆಡಬಾರದೆಂಬ ಎಚ್ಚರದಿಂದ ತಿಬೇರಿಯದ ವಿದ್ವಾಂಸರು ಅಕ್ಷರಗಳ ಮೇಲೂ ಕೆಳಗೂ ಸ್ವರಚಿಹ್ನೆಗಳನ್ನಿಡುವ ಪದ್ಧತಿಯನ್ನು ರೂಪಿಸಿದರು. ಹತ್ತನೆಯ ಶತಮಾನದ ಕೊನೆಯಲ್ಲಿ ಸ್ಪೇನಿನ ಕಾರ್ಡೋವಾದಲ್ಲಿದ್ದ ಯೆಹೂದಾ ಹಯ್ಯೂಜನು ಹೀಬ್ರೂ ಧಾತುಗಳು ತ್ರ್ಯಕ್ಷರಿಗಳೆಂಬುದನ್ನು ನಿರ್ಧರಿಸಿ, ಆ ವ್ಯಾಕರಣವನ್ನು ಅರಬ್ಬಿ ಭಾಷೆಯಲ್ಲಿ ಬರೆದನು. ಭಟ್ಟಾಕಳಂಕನು 1604ರಲ್ಲಿ ಕನ್ನಡ ವ್ಯಾಕರಣವನ್ನು ಸಂಸ್ಕೃತದಲ್ಲಿ ಬರೆದುದನ್ನು ಬಲ್ಲವರಿಗೆ ಇದರಲ್ಲಿ ಆಶ್ಚರ್ಯವೇನೂ ತೋರಲಾರದು.

ಬೆನ್ ಯಿಜುವಿನ ಉಳಿದುಬಂದ ಪತ್ರಗಳನ್ನು ಓದಹೊರಟವನಿಗೆ ಮೊದಲು ಎದುರಾಗುವ ತೊಡಕು ಇದು: ಲಿಪಿ ಹೀಬ್ರೂ, ಭಾಷೆ ಅರಬ್ಬಿ. ವ್ಯಾಪಾರದ ಮಾತು, ಮನೆಯ ಸುದ್ದಿ, ಸರಕಿನ ಲೆಕ್ಕ ಇವೆಲ್ಲವೂ ಹೀಬ್ರೂ ಅಕ್ಷರಗಳಲ್ಲಿ ಬರೆದ ಅರಬ್ಬಿ. ನಡುನಡುವೆ ಶಾಸ್ತ್ರವಾಕ್ಯ, ಆಶೀರ್ವಾದ, ಮಂಗಳವಚನಗಳು ಬಂದಾಗ ಶುದ್ಧ ಹೀಬ್ರೂ. ಮುಕ್ತಿಪತ್ರದಂಥ ಕಾನೂನಿನ ಕಾಗದಗಳಲ್ಲಿ ಅರಮೇಯಿಕ್. ತುಳುವನ್ನು ಕನ್ನಡ ಲಿಪಿಯಲ್ಲಿಯೂ ಸಂಸ್ಕೃತವನ್ನು ತಿಗಳಾರಿಯಲ್ಲಿಯೂ ಬರೆದ ನಾಡಿನವರಾದ ನಮಗೆ ಈ ವ್ಯವಸ್ಥೆ ಪರಕೀಯವೆನಿಸಬೇಕಾಗಿಲ್ಲ. ಮೂಡುಬಿದಿರೆಯ ಸಿದ್ಧಾಂತ ಬಸದಿಯಲ್ಲಿ ಸುರಕ್ಷಿತವಾಗಿ ಉಳಿದುಬಂದ ಧವಲಾ ಎಂಬ ಜೈನ ಗ್ರಂಥದ ತಾಳೆಗರಿಗಳಲ್ಲಿಯೂ ಅಕ್ಷರ ಹಳಗನ್ನಡದ್ದು, ಭಾಷೆ ಮುಖ್ಯವಾಗಿ ಪ್ರಾಕೃತ.

ಇನ್ನು ಈ ವರ್ತಕನ ಸರಕುಗಳನ್ನು ನೋಡೋಣ. ಅವನು ಏಡನ್ನಿಗೆ ಕಳುಹಿದುದು ಅಡಕೆ, ಕಾಳುಮೆಣಸು, ಏಲಕ್ಕಿ, ಕಬ್ಬಿಣ. ಅಲ್ಲಿಂದ ಅವನಿಗೆ ಬಂದುದು ತಾಮ್ರ, ಸೀಸ, ಒಡೆದ ಹಳೆಯ ಪಾತ್ರೆಗಳು. ಇವನ್ನು ಕರಗಿಸಿ ಹೊಸ ಕಂಚಿನ ಪಾತ್ರೆಗಳನ್ನು ಎರೆಯಿಸುವ ಕಾರ್ಖಾನೆಯನ್ನೂ ಅವನು ಇಲ್ಲಿ ನಡೆಸಿದನು. ಪತ್ರಗಳಲ್ಲಿ ಹೆಚ್ಚಾಗಿ ಬರುವುದು ಕರಾವಳಿಯ ಬಂದರುಗಳ ಹೆಸರೇ. ಆದರೆ ಮೆಣಸೂ ಏಲಕ್ಕಿಯೂ ಸಮುದ್ರದ ಮರಳಿನಲ್ಲಿ ಬೆಳೆಯುವ ವಸ್ತುಗಳಲ್ಲವಷ್ಟೆ. ಚಾರ್ಮಾಡಿಯ ಕೆಳಗಿನ ಬೆಳ್ತಂಗಡಿಯ ಕಾಡುತೋಟಗಳೂ ಬಂಟವಾಳದ ಹೊಳೆದಂಡೆಯೂ ಮಂಗಳೂರಿನ ಬಂದರಿಗೆ ಸಹಜವಾದ ಹಿನ್ನಾಡು. ರೈಲು ಬರುವುದಕ್ಕೆ ಮುನ್ನಿನ ದಿನಗಳಲ್ಲಿ ಘಟ್ಟದ ಸರಕು ಬಂಟವಾಳಕ್ಕಿಳಿದು ಅಲ್ಲಿಂದ ದೋಣಿಗಳಲ್ಲಿ ಮಂಗಳೂರಿಗೆ ಸಾಗುತ್ತಿದ್ದುದು ತಿಳಿದ ಸಂಗತಿಯೇ ಆಗಿರುವಾಗ, ಹನ್ನೆರಡನೆಯ ಶತಮಾನದಲ್ಲಿಯೂ ಹೊಳೆಯ ದಾರಿ ಬೇರೆಯಾಗಿದ್ದಿರಲಾರದೆಂದು ನಾನು ಊಹಿಸುತ್ತೇನೆ. ಏಲಕ್ಕಿಗೆಂದು ಸ್ಥಳೀಯ ದಲ್ಲಾಳಿಯೊಬ್ಬನಿಗೆ ಕೊಟ್ಟ ಮುಂಗಡ ಹಣ ಸರಕಾಗಿಯೂ ಬಾರದೆ ನಾಣ್ಯವಾಗಿಯೂ ಬಾರದೆ ವರ್ಷಗಟ್ಟಲೆ ಪತ್ರಗಳಲ್ಲಿ ರಗಳೆಯೆಬ್ಬಿಸುತ್ತದೆ. ಅಡಕೆ ವ್ಯಾಪಾರ ಬಲ್ಲ ಬಂಟವಾಳದವರು ಇದನ್ನು ಓದಿದರೆ ನಕ್ಕಾರು.

ಇವೆಲ್ಲಕ್ಕಿಂತ ನನ್ನ ಮನಸ್ಸನ್ನು ಸೆಳೆಯುವುದು ಅವನ ಕಾಗದದ ಹಸಿವು. ತಾಳೆಗರಿಯ ಮೇಲೆ ಕಂಟದಿಂದ ಕೊರೆಯುವ ಈ ನಾಡಿನಲ್ಲಿ ಮಸಿಯಿಂದ ಬರೆಯಲು ಯೋಗ್ಯವಾದ ಕಾಗದ ಅವನಿಗೆ ದೊರೆಯುತ್ತಿರಲಿಲ್ಲ. ಆದುದರಿಂದ ಏಡನ್ನಿನ ಮಿತ್ರರು ಸಕ್ಕರೆ, ಒಣದ್ರಾಕ್ಷಿಗಳ ಜೊತೆಗೆ ಒಳ್ಳೆಯ ಕಾಗದವನ್ನೂ ಕಳುಹಿಸಿಕೊಡುತ್ತಿದ್ದರು. ಬಂದ ಪತ್ರಗಳ ಬೆನ್ನನ್ನೂ ಅಂಚನ್ನೂ ಅವನು ಬರಿದೇ ಬಿಡಲಿಲ್ಲ: ಲೆಕ್ಕ, ಧರ್ಮಶಾಸ್ತ್ರದ ಪ್ರಶ್ನೋತ್ತರಗಳ ಕರಡು, ಪದ್ಯ ಎಲ್ಲವೂ ಅಲ್ಲಿಯೇ. ಅವನ ತಂದೆ ಪಂಡಿತ. ಮಗನ ಅಕ್ಷರ ಮುತ್ತು ಪೋಣಿಸಿದಂತೆ. ಹೀಬ್ರೂ ಛಂದಸ್ಸಿನಲ್ಲಿ ತನ್ನ ಪೋಷಕನಾದ ಏಡನ್ನಿನ ಮದ್‌ಮೂನನನ್ನು ಹೊಗಳಿ ಪದ್ಯ ಕಟ್ಟುವಷ್ಟು ಅಭ್ಯಾಸ ಅವನಿಗಿತ್ತು. ಮಹಾಕವಿಯೆಂದು ಅವನನ್ನು ಯಾರೂ ಕರೆಯರು, ಕರೆಯಬೇಕಾಗಿಯೂ ಇಲ್ಲ. ಆದರೆ ಆಡುವವರಿಲ್ಲದ ಭಾಷೆಯೊಂದು, ಅದನ್ನು ಆಡಿದ ನಾಡಿನಿಂದ ಸಹಸ್ರಾರು ಹರದಾರಿ ದೂರದಲ್ಲಿ, ಮೆಣಸಿನ ವ್ಯಾಪಾರಿಯ ಲೇಖನಿಯಲ್ಲಿ ಪದ್ಯವಾಗಿ ಹೊರಡುತ್ತಿತ್ತೆಂಬುದೇ ಆ ಸಾಹಿತ್ಯದ ಜೀವಶಕ್ತಿಗೆ ತಕ್ಕ ಪ್ರಮಾಣ. ಅದೇ ಕಾಲದ ಶ್ರೇಷ್ಠ ಹೀಬ್ರೂ ಕವಿಯಾದ ಸ್ಪೇನಿನ ಯೆಹೂದಾ ಹಲೇವಿಯ ಆಪ್ತಮಿತ್ರ ಹಲ್ಫೋನನೂ ಭಾರತಕ್ಕೆ ಬಂದುಹೋದ ವರ್ತಕನೇ. ತತ್ತ್ವಜ್ಞಾನಿ ಮೈಮೊನಿಡೀಸನ ತಮ್ಮ ದಾವೀದನು ಮಡಿದುದು ಹಿಂದೂ ಸಾಗರದಲ್ಲಿ.

ಬೆನ್ ಯಿಜು 1149ರಲ್ಲಿ ಮಕ್ಕಳೊಡನೆ ಏಡನ್ನಿಗೆ ಹಿಂದಿರುಗಿದನು; ಕೆಲವು ವರ್ಷಗಳ ಅನಂತರ ಈಜಿಪ್ಟಿನ ಫುಸ್ತಾತಿಗೆ, ಎಂದರೆ ಹಳೆಯ ಕೈರೋ ನಗರಕ್ಕೆ ಹೋಗಿ ನೆಲೆಸಿದನು. ದೇವರ ನಾಮವಿರಬಹುದಾದ ಬರಹವನ್ನು ನಾಶಗೊಳಿಸಬಾರದೆಂಬ ನಂಬಿಕೆಯಿಂದ ಅಲ್ಲಿಯ ಬೆನ್ ಎಜ್ರಾ ಸಭಾಮಂದಿರದ ಕೋಣೆಯೊಂದರಲ್ಲಿ ಹಳೆಯ ಕಾಗದಗಳನ್ನೆಲ್ಲ ತುಂಬುತ್ತಿದ್ದರು. ಗೆನೀಜಾ ಎಂಬ ಆ ಕೋಣೆಗೆ ಇವನ ಕಟ್ಟೂ ಸೇರಿತು. ಈಜಿಪ್ಟಿನ ಒಣಹವೆ ಅದನ್ನು ಕಾಪಾಡಿತು. ಮಂಗಳೂರಿನಲ್ಲಿಯೇ ಉಳಿದಿದ್ದರೆ ನಮ್ಮ ಮಳೆಗಾಲವೂ ಗೆದ್ದಲೂ ಎರಡು ತಲೆಮಾರಿನೊಳಗೆ ತಮ್ಮ ಕೆಲಸ ಮುಗಿಸುತ್ತಿದ್ದವು. ಮೂಡುಬಿದಿರೆಯ ಗರಿಗಳು ಉಳಿದುದು ಹವೆಯ ದಯೆಯಿಂದಲ್ಲ, ಪೂಜೆಯ ಬಲದಿಂದ. ಆ ಪೂಜೆಯೇ ಓದುಗರನ್ನು ಬಹುಕಾಲ ದೂರವಿಟ್ಟಿತೆಂಬುದೂ ಸತ್ಯ. ಕೈರೋವಿನ ರಾಶಿಯನ್ನು ಕೇಂಬ್ರಿಜ್ಜಿಗೆ ಸಾಗಿಸಿದ ವಿದ್ವಾಂಸ ಸೊಲೊಮನ್ ಶೆಕ್ಟರ್ ಅಲ್ಲಿಗೆ ಬಂದಿಳಿದುದು 1896ರ ಕೊನೆಯಲ್ಲಿ. ಧವಲಾ ಗ್ರಂಥದ ಪ್ರತಿ ಮಾಡುವ ಕೆಲಸ ಮೂಡುಬಿದಿರೆಯಲ್ಲಿ ಆರಂಭವಾದುದೂ ಬಹುಮಟ್ಟಿಗೆ ಆ ದಶಕದಲ್ಲಿಯೇ. ಹೀರಾಲಾಲ ಜೈನರ ಸಂಪಾದಕತ್ವದಲ್ಲಿ ಅದರ ಮೊದಲ ಸಂಪುಟ 1939ರಲ್ಲಿ ಬೆಳಕು ಕಂಡಿತು.

ಗೆನೀಜಾದ ಭಾರತ ವ್ಯಾಪಾರದ ಕಾಗದಗಳನ್ನು ಹುಡುಕಿ ಜೋಡಿಸಿದ ಪುಣ್ಯ ಜರ್ಮನಿಯಲ್ಲಿ ಹುಟ್ಟಿದ ಎಸ್. ಡಿ. ಗೊಯಿಟೈನರದು. ಅವರು 1985ರಲ್ಲಿ ತೀರಿಕೊಂಡರು. ಫ್ರೀಡ್‌ಮನ್ನರು ಪೂರ್ಣಗೊಳಿಸಿದ ಅವರ ಇಂಗ್ಲಿಷ್ ಗ್ರಂಥ ಹೊರಬಂದುದು 2008ರಲ್ಲಿ. ಇವರಿಗಿಂತ ಮೊದಲೇ, 1942ರಲ್ಲಿ, ಸ್ಟ್ರಾಸ್ ಎಂಬ ವಿದ್ವಾಂಸರು ಏಡನ್ನಿನ ವರ್ತಕ ಖಲಫನು ಬೆನ್ ಯಿಜುವಿಗೆ ಬರೆದ ಪತ್ರವೊಂದನ್ನು ಹೀಬ್ರೂ ಪತ್ರಿಕೆಯಲ್ಲಿ ಪ್ರಕಟಿಸಿದ್ದರು. ಅದರಲ್ಲಿ ವರ್ತಕನ ಆಳಿಗೂ ನಮಸ್ಕಾರ ಹೇಳಿದೆ. ಆ ಆಳಿನ ಹೆಸರು ವ್ಯಂಜನಗಳಲ್ಲಿ ಮಾತ್ರ ಇದ್ದುದರಿಂದ ಸರಿಯಾದ ಉಚ್ಚಾರವೇನೆಂದು ದೂರದೇಶದ ಪಂಡಿತರಿಗೆ ತಿಳಿಯಲಿಲ್ಲ. ಲೇಖಕ ಅಮಿತಾವ್ ಘೋಷರು ಈ ಕಥೆಯ ಬೆನ್ನುಹತ್ತಿ ಮಂಗಳೂರಿಗೆ ಬಂದಾಗ, ತುಳು ಜಾನಪದ ವಿದ್ವಾಂಸರಾದ ಬಿ. ಎ. ವಿವೇಕ ರೈ ಅವರ ನೆರವಿನಿಂದ ಅದನ್ನು 'ಬೊಮ್ಮ' ಎಂದು ಓದಿಕೊಂಡರು; ಘೋಷರ ಪುಸ್ತಕ 1992ರಲ್ಲಿ ಪ್ರಕಟವಾಯಿತು. ಯಜಮಾನನ ಪರವಾಗಿ ಏಡನ್ನಿಗೆ ಹೋಗಿ, ಅಲ್ಲಿ ಕುಡಿದು ಗಲಾಟೆ ಮಾಡಿ, ಪತ್ರದಲ್ಲಿ ದೂರು ಹೇಳಿಸಿಕೊಂಡ ಆ ತುಳುವ ಹೀಗೆ ಎಂಟೂವರೆ ಶತಮಾನಗಳ ತರುವಾಯ ತನ್ನ ಹೆಸರನ್ನು ಮರಳಿ ಪಡೆದನು.

ಹೀಬ್ರೂವಿನ ಮುಂದಿನ ಕಥೆ ಪ್ರಸಿದ್ಧವಾದುದೇ. 1881ರಲ್ಲಿ ಪ್ಯಾಲೆಸ್ಟೈನಿಗೆ ಹೋದ ಎಲಿಯೆಜರ್ ಬೆನ್ ಯೆಹೂದಾ ಮೊದಲಾದವರ ಪ್ರಯತ್ನದಿಂದ ಅದು ಮತ್ತೆ ಮನೆಮಾತಾಯಿತು. 1966ರಲ್ಲಿ ಹೀಬ್ರೂ ಕಥೆಗಾರ ಅಗ್ನೋನರಿಗೆ ನೊಬೆಲ್ ಪಾರಿತೋಷಕದ ಅರ್ಧಾಂಶ ಸಂದಿತು. ಕನ್ನಡಿಗರಿಗೆ ಹೀಬ್ರೂ ಸಾಹಿತ್ಯ ದೊರೆತ ದಾರಿ ಬೇರೆ: ಬಳ್ಳಾರಿಯಲ್ಲಿ 1831ರಲ್ಲಿ ಪೂರ್ಣವಾಗಿ ಅಚ್ಚಾದ ಬೈಬಲಿನ ಮೂಲಕ. ಕೀರ್ತನೆಗಳನ್ನೂ ಪರಮಗೀತವನ್ನೂ ಯೋಬನ ಕಥೆಯನ್ನೂ ಧರ್ಮಭೇದವಿಲ್ಲದೆ ಕಾವ್ಯವೆಂದು ಓದುವವರು ನಮ್ಮಲ್ಲಿ ಇನ್ನೂ ಹೆಚ್ಚಬೇಕು.

ಗೆನೀಜಾದ ಅನೇಕ ಪತ್ರಗಳ ಛಾಯಾಚಿತ್ರಗಳು ಈಗ ಅಂತರಜಾಲದಲ್ಲಿ ಎಲ್ಲರಿಗೂ ಲಭ್ಯವಾಗಿವೆ. ಅವನ್ನು ಓದಲು ಅರಬ್ಬಿ ಬೇಕು, ಹೀಬ್ರೂ ಅಕ್ಷರಗಳು ಬೇಕು, ಊರಿನವರ ಹೆಸರುಗಳು ಬಂದೆಡೆ ತುಳುವಿನ ಕಿವಿ ಬೇಕು. ಬಂಟವಾಳ, ಬೆಳ್ತಂಗಡಿಗಳ ಮದ್ರಸಗಳಲ್ಲಿ ಅರಬ್ಬಿ ಓದಿ, ಪೇಟೆಯಲ್ಲಿ ತುಳು ಮಾತನಾಡಿ, ಮೂಡುಬಿದಿರೆಯ ಕಾಲೇಜುಗಳಿಗೆ ಹೋಗುವ ಬ್ಯಾರಿ ವಿದ್ಯಾರ್ಥಿಗಳಲ್ಲಿ ಈ ಯೋಗ್ಯತೆಯ ಮೂರರಲ್ಲಿ ಎರಡು ಪಾಲು ಆಗಲೇ ಇದೆ. ಉಳಿದಿರುವುದು ಇಪ್ಪತ್ತೆರಡು ಅಕ್ಷರ. ಅವರಲ್ಲಿ ಒಬ್ಬಿಬ್ಬರಾದರೂ ಅದನ್ನು ಕಲಿತು ಈ ಕೆಲಸಕ್ಕೆ ಕೈಹಚ್ಚಲೆಂದು ಕೇಳಿಕೊಳ್ಳುತ್ತೇನೆ.