ಗೋಲಿಗಳ ಮೇಲೆ ಬಿದ್ದ ಏಟು

ಇನ್ನೂ ಮಾಲೀಕನ ಕೈಸೇರದ, ರಸ್ತೆಯಲ್ಲಿ ಓಡಿಯೇ ಇರದ ಹೊಸ ಕಾರಿನ ವ್ಹೀಲ್ ಬೇರಿಂಗ್ ಹಾಳಾಗಿರುತ್ತದೆ ಎಂದರೆ ನಂಬುವುದು ಕಷ್ಟ. 1930ರ ದಶಕದಲ್ಲಿ ಅಮೆರಿಕದ ಜನರಲ್ ಮೋಟರ್ಸ್ ಸಂಶೋಧನಾ ವಿಭಾಗದ ಎಂಜಿನಿಯರ್ ಆಲ್ಮೆನ್ ಎದುರಿಗೆ ಬಂದದ್ದು ಇಂಥದೇ ಬೇರಿಂಗುಗಳು. ಕಾರ್ಖಾನೆಯಿಂದ ದೂರದೂರಿಗೆ ಸಾಗಿಸಿದ ಕಾರುಗಳಲ್ಲಿ ಹಾನಿ ಹೆಚ್ಚು, ಹತ್ತಿರದೂರಿಗೆ ಹೋದವುಗಳಲ್ಲಿ ಕಡಿಮೆ. ಸಾಗಿಸಿದ ಋತು ಬದಲಾದರೆ ಹಾನಿಯ ಪ್ರಮಾಣವೂ ಬದಲಾಗುತ್ತಿತ್ತು. ಕಾರಣ, ಸಾಗಣೆಯ ಸಣ್ಣ ನಡುಕ. ಚಕ್ರ ತಿರುಗದೆ ನಿಂತಲ್ಲೇ ಅದುರಿದರೆ ಗೋಲಿ ಮತ್ತು ಅದು ಕೂತ ಉಕ್ಕಿನ ಉಂಗುರದ, ಅಂದರೆ ರೇಸಿನ, ನಡುವಿನ ಗ್ರೀಸ್ ಪಕ್ಕಕ್ಕೆ ಸರಿದುಬಿಡುತ್ತದೆ. ತಿರುಗುವ ಚಕ್ರವಾದರೆ ಗ್ರೀಸನ್ನು ಮತ್ತೆ ಎಳೆದು ತಂದುಕೊಳ್ಳುತ್ತಿತ್ತು, ನಿಂತ ಚಕ್ರಕ್ಕೆ ಆ ಭಾಗ್ಯವಿಲ್ಲ. ಉಕ್ಕಿಗೆ ಉಕ್ಕು ತಾಗಿ, ಕೂದಲೆಳೆಗಿಂತ ಸಣ್ಣ ಚಲನೆಯಲ್ಲೇ ಉಜ್ಜಿ, ಪ್ರತಿ ಗೋಲಿಯ ಅಡಿಯಲ್ಲೂ ಒಂದು ಕುಳಿ ಬೀಳುತ್ತದೆ. ಉಕ್ಕಿನ ಗೋಲಿಯನ್ನು ಒತ್ತಿ ಲೋಹದ ಗಡಸುತನ ಅಳೆಯುವ ವಿಧಾನ ಕೊಟ್ಟ ಸ್ವೀಡನ್ನಿನ ಬ್ರಿನೆಲ್ ಹೆಸರಿನಲ್ಲಿ, ಒತ್ತಿ ಬಿದ್ದ ಕುಳಿಗೆ ‘ಬ್ರಿನೆಲಿಂಗ್’ ಎನ್ನುತ್ತಾರೆ. ಏಟೇ ಬೀಳದೆ ಆದ ಈ ಕುಳಿಗೆ ‘ಫಾಲ್ಸ್ ಬ್ರಿನೆಲಿಂಗ್’ ಎಂಬ ಹೆಸರಾಯಿತು. ಇದೇ ಆಲ್ಮೆನ್ ಹೆಸರು ಇನ್ನೊಂದು ಕಡೆಯೂ ಉಳಿದಿದೆ. ಸಣ್ಣ ಉಕ್ಕಿನ ಕಾಳುಗಳನ್ನು ರಭಸವಾಗಿ ಹೊಡೆದು ಲೋಹದ ಮೈ ಗಟ್ಟಿ ಮಾಡುವ ಶಾಟ್ ಪೀನಿಂಗ್ ಕೆಲಸದಲ್ಲಿ ಏಟಿನ ತೀವ್ರತೆ ಅಳೆಯಲು ಬಳಸುವ ಪಟ್ಟಿಯನ್ನು ಇಂದಿಗೂ ‘ಆಲ್ಮೆನ್ ಸ್ಟ್ರಿಪ್’ ಎನ್ನುತ್ತಾರೆ. ಸಾವಿರಾರು ಏಟಿನಿಂದ ಉಕ್ಕು ಬಲವಾಗುವುದನ್ನೂ ಒಂದೂ ಏಟಿಲ್ಲದೆ ಉಕ್ಕು ಕೆಡುವುದನ್ನೂ ಒಬ್ಬನೇ ಮನುಷ್ಯ ಅಭ್ಯಾಸ ಮಾಡಿದ ಎಂಬುದು ನನಗೆ ಬೇರಿಂಗಿನ ಇಡೀ ಚರಿತ್ರೆಯಲ್ಲೇ ಅತ್ಯಂತ ಪ್ರಿಯವಾದ ಸಂಗತಿ.

ಆ ಚರಿತ್ರೆಯ ಉಳಿದ ಭಾಗ ಬೇಗ ಮುಗಿಯುತ್ತದೆ. 1794ರಲ್ಲಿ ವೇಲ್ಸ್‌ನ ಫಿಲಿಪ್ ವಾನ್ ಗಾಡಿಯ ಅಚ್ಚಿಗೆ ಗೋಲಿ ಕೂರಿಸುವ ಪೇಟೆಂಟ್ ಪಡೆದ. 1869ರ ಪ್ಯಾರಿಸ್–ರೂವಾನ್ ಸೈಕಲ್ ಪಂದ್ಯ ಗೆದ್ದ ಜೇಮ್ಸ್ ಮೂರ್‌ನ ಸೈಕಲ್ಲಿನಲ್ಲಿ ಬಾಲ್ ಬೇರಿಂಗ್ ಇತ್ತು. 1883ರಲ್ಲಿ ಜರ್ಮನಿಯ ಫ್ರೀಡ್ರಿಕ್ ಫಿಷರ್ ಗೋಲಿಗಳನ್ನು ಒಂದೇ ಅಳತೆಗೆ ಅರೆಯುವ ಯಂತ್ರ ಮಾಡಿದ. 1898ರಲ್ಲಿ ಸಾರೋಟು ತಯಾರಕ ಹೆನ್ರಿ ಟಿಮ್ಕೆನ್ ಟೇಪರ್ ರೋಲರ್ ಬೇರಿಂಗಿಗೆ ಪೇಟೆಂಟ್ ಪಡೆದ. ಇವರೆಲ್ಲರ ತಲೆಯಲ್ಲಿದ್ದದ್ದು ಒಂದೇ ಪ್ರಶ್ನೆ: ಗಾಡಿಯ ಭಾರ ಯಾವ ದಾರಿಯಲ್ಲಿ ನೆಲ ಮುಟ್ಟಬೇಕು? ಇಂದು ಗ್ಯಾರೇಜಿನಲ್ಲಿ ಮುಂದಿನ ಚಕ್ರದ ಬೇರಿಂಗ್ ಹೋಗಿದೆಯೇ ಎಂದು ಪತ್ತೆಹಚ್ಚುವುದೂ ಹೊಸದನ್ನು ಕೂರಿಸುವುದೂ ಎರಡು ಬೇರೆ ವಿದ್ಯೆಗಳೆಂಬಂತೆ ನಡೆಯುತ್ತವೆ. ಪತ್ತೆಗೆ ಕಿವಿ ಸಾಕು, ಕೂರಿಸಲು ತೋಳು ಸಾಕು ಎಂಬ ಭಾವನೆ. ನನ್ನ ವಾದ ಬೇರೆ. ಎರಡಕ್ಕೂ ಬೇಕಾದದ್ದು ಆ ಒಂದೇ ಪ್ರಶ್ನೆ, ಈ ಕ್ಷಣ ಭಾರ ಯಾವ ದಾರಿಯಲ್ಲಿ ಹೋಗುತ್ತಿದೆ ಎಂಬುದು. ಅದನ್ನು ಕೇಳಿಕೊಳ್ಳದೆ ಮಾಡಿದ ಪತ್ತೆಯಲ್ಲಿ ಒಳ್ಳೆಯ ಬೇರಿಂಗ್ ಬಿಚ್ಚಿಹೋಗುತ್ತದೆ, ಕೇಳಿಕೊಳ್ಳದೆ ಕೂರಿಸಿದರೆ ಹೊಸ ಬೇರಿಂಗ್ ಚಕ್ರ ಹತ್ತುವ ಮೊದಲೇ ಗಾಯಗೊಳ್ಳುತ್ತದೆ.

ಮೊದಲು ಸದ್ದು. ನಮ್ಮ ರಸ್ತೆಗಳಲ್ಲಿ ಹೆಚ್ಚಾಗಿ ಕಾಣುವ, ಮುಂದಿನ ಚಕ್ರ ಎಳೆಯುವ ಸಣ್ಣ ಕಾರುಗಳಲ್ಲಿ ಸಾಮಾನ್ಯವಾಗಿ ಇರುವುದು ಎರಡು ಸಾಲು ಗೋಲಿಗಳ ಬೇರಿಂಗ್. ಹೊರ ರೇಸ್ ಚಕ್ರದೊಡನೆ ಸುತ್ತದ, ಸಸ್ಪೆನ್ಷನ್ನಿಗೆ ಸೇರಿದ ನಕಲ್‌ನೊಳಗೆ ಬಿಗಿಯಾಗಿ ಕೂತಿರುತ್ತದೆ, ಒಳ ರೇಸ್ ಚಕ್ರ ಹೊತ್ತ ಹಬ್ ಜೊತೆ ತಿರುಗುತ್ತದೆ. 165/80 ಆರ್ 14 ಅಳತೆಯ ಟೈರಿನ ಸುತ್ತಳತೆ ಎರಡು ಮೀಟರಿಗೆ ಸ್ವಲ್ಪ ಕಡಿಮೆ, ಹಾಗಾಗಿ ಗಂಟೆಗೆ 60 ಕಿಲೋಮೀಟರ್ ವೇಗದಲ್ಲಿ ಚಕ್ರ ಸೆಕೆಂಡಿಗೆ ಎಂಟೂವರೆ ಸುತ್ತು ಹೊಡೆಯುತ್ತದೆ. ಒಂದು ಸಾಲಿನಲ್ಲಿ 13 ಗೋಲಿ ಇವೆ ಎಂದುಕೊಳ್ಳಿ. ಗೋಲಿಗಳ ಸಾಲು ಚಕ್ರದ ಅರ್ಧ ವೇಗಕ್ಕಿಂತ ಕಡಿಮೆಯಲ್ಲಿ ಸಾಗುವುದರಿಂದ, ಹೊರ ರೇಸಿನ ಒಂದು ಗಾಯದ ಮೇಲೆ ಚಕ್ರದ ಪ್ರತಿ ಸುತ್ತಿಗೆ ಐದು ಚಿಲ್ಲರೆ ಗೋಲಿ ಹಾಯುತ್ತವೆ. ಅಂದರೆ ಸೆಕೆಂಡಿಗೆ ಸುಮಾರು 45 ತಟ್ಟು. ಕಿವಿಗೆ ಅದು ತಟ್ಟಾಗಿ ಕೇಳುವುದಿಲ್ಲ, ದೂರದಲ್ಲೆಲ್ಲೋ ಹಿಟ್ಟಿನ ಗಿರಣಿ ಓಡುತ್ತಿರುವಂತೆ ‘ಗುಂಯ್’ ಎಂದು ಕೇಳುತ್ತದೆ. ವೇಗ ಏರಿದರೆ ಸ್ವರ ಏರುತ್ತದೆ. ಗೇರ್ ಬದಲಾದರೂ, ಎಂಜಿನ್ ನಿಧಾನವಾದರೂ ಅದು ಬದಲಾಗುವುದಿಲ್ಲ, ಏಕೆಂದರೆ ಬೇರಿಂಗಿಗೆ ಗೊತ್ತಿರುವುದು ಚಕ್ರದ ವೇಗ ಮಾತ್ರ. ಸ್ಟೇರಿಂಗ್ ಪೂರ್ತಿ ತಿರುಗಿಸಿ ಹೊರಟಾಗ ಮಾತ್ರ ‘ಟಕ್ ಟಕ್’ ಬಂದರೆ ಅದು ಡ್ರೈವ್ ಶಾಫ್ಟ್ ಜಾಯಿಂಟಿನ ಮಾತು, ಬೇರಿಂಗಿನದ್ದಲ್ಲ.

ಇಲ್ಲಿ ಮೊದಲ ಆಕ್ಷೇಪ ಎದುರಾಗುತ್ತದೆ: ಏರುಪೇರಾಗಿ ಸವೆದ ಟೈರ್ ಕೂಡ ಹೀಗೇ ಗುಂಯ್‌ಗುಡುತ್ತದಲ್ಲ? ನಿಜ, ಗುಂಯ್‌ಗುಡುತ್ತದೆ. ಬೇರಿಂಗಿನ ಹೆಸರಿನಲ್ಲಿ ಹಣ ತೆತ್ತು, ಕೊನೆಗೆ ಟೈರ್ ಬದಲಿಸಿದ ಮೇಲಷ್ಟೇ ಸದ್ದು ನಿಲ್ಲುವುದೂ ಉಂಟು. ಆದರೆ ಟೈರಿನ ಸದ್ದು ರಸ್ತೆಯ ಮೈಯನ್ನು ಅವಲಂಬಿಸಿದೆ. ಕಾಂಕ್ರೀಟ್ ರಸ್ತೆಯಿಂದ ನುಣ್ಣನೆಯ ಡಾಂಬರಿಗೆ ಇಳಿದೊಡನೆ ಅದರ ದನಿ ಬದಲಾಗುತ್ತದೆ, ಬೇರಿಂಗಿನದ್ದು ಹಾಗೇ ಉಳಿಯುತ್ತದೆ. ಮುಂದಿನ ಟೈರುಗಳನ್ನು ಹಿಂದಕ್ಕೆ ಹಾಕಿ ನೋಡಿದರೆ ಸಂಶಯ ಇನ್ನಷ್ಟು ಕಡಿಮೆಯಾಗುತ್ತದೆ, ಸದ್ದೂ ಹಿಂದಕ್ಕೆ ಹೋದರೆ ತಪ್ಪು ಟೈರಿನದು. ಬೇರಿಂಗಿನ ಸದ್ದು ಬದಲಾಗುವುದು ಭಾರ ಬದಲಾದಾಗ. ಚಾರ್ಮಾಡಿ ಘಾಟಿ ಇಳಿಯುವ ಕಾರೊಂದು ಎಡ ತಿರುವುಗಳಲ್ಲಿ ಮಾತ್ರ ಗೋಳಾಡುತ್ತಿದ್ದರೆ ಮೊದಲು ಶಂಕಿಸಬೇಕಾದದ್ದು ಬಲಗಡೆಯ ಬೇರಿಂಗನ್ನು.

ಏಕೆ ಬಲಗಡೆಯದ್ದು ಎಂಬುದರ ಲೆಕ್ಕ ಬಹಳ ಸೊಗಸಾಗಿದೆ. ಒಂದು ಮುಂದಿನ ಚಕ್ರದ ಮೇಲೆ 300 ಕಿಲೋ ಭಾರವಿದೆ ಎಂದಿಟ್ಟುಕೊಳ್ಳೋಣ. ಎಡಕ್ಕೆ ತಿರುಗುವಾಗ ಕಾರು ಬಲಕ್ಕೆ ವಾಲಿ ಬಲಚಕ್ರದ ಮೇಲೆ ಹೆಚ್ಚು ಭಾರ ಬೀಳುತ್ತದೆ ಎಂಬುದು ಎಲ್ಲರಿಗೂ ತಿಳಿದ ಮಾತು, ಆದರೆ ಅದು ಕತೆಯ ಸಣ್ಣ ಪಾಲು. ಸಾಧಾರಣ ತಿರುವಿನಲ್ಲಿ ನೆಲ ಟೈರನ್ನು ಪಕ್ಕಕ್ಕೆ ಒತ್ತುವ ಬಲ ಚಕ್ರದ ಭಾರದ ಕಾಲು ಭಾಗ, ಅಂದರೆ 75 ಕಿಲೋದಷ್ಟು ಎನ್ನಿ. ಈ ಒತ್ತು ಬೀಳುವುದು ನೆಲದ ಮಟ್ಟದಲ್ಲಿ, ಬೇರಿಂಗಿನಿಂದ ಸುಮಾರು 30 ಸೆಂಟಿಮೀಟರ್ ಕೆಳಗೆ. ಅದನ್ನು ತಡೆದು ನಿಲ್ಲಿಸಲು ಬೇರಿಂಗಿನ ಎರಡು ಸಾಲುಗಳ ನಡುವೆ ಸಿಗುವ ಆಸರೆ ಆರು ಸೆಂಟಿಮೀಟರ್ ಎಂದುಕೊಂಡರೆ, ಅದು ಐದು ಪಟ್ಟಿನ ಸನ್ನೆಗೋಲು. ಎಪ್ಪತ್ತೈದು ಕಿಲೋದ ಒತ್ತು ಗೋಲಿಗಳ ಮೇಲೆ 375 ಕಿಲೋ ಆಗಿ ಬೀಳುತ್ತದೆ, ಚಕ್ರ ಹೊತ್ತ ಭಾರಕ್ಕಿಂತಲೂ ಹೆಚ್ಚು. ಬಾಲ್ ಬೇರಿಂಗಿನ ಆಯಸ್ಸಿನ ಲೆಕ್ಕದಲ್ಲಿ ಭಾರ ಎರಡು ಪಟ್ಟಾದರೆ ಆಯಸ್ಸು ಎಂಟರಲ್ಲಿ ಒಂದು ಪಾಲಿಗೆ ಇಳಿಯುತ್ತದೆ ಎಂಬುದನ್ನು ಇದರ ಜೊತೆಗಿಟ್ಟು ನೋಡಬೇಕು. ಚಕ್ರ ಅಗಲವಾಗಿ ಕಾಣಲೆಂದು ಹೊರಕ್ಕೆ ಚಾಚುವ ಅಲಾಯ್ ವ್ಹೀಲ್ ಹಾಕಿಸುವವರು ಈ ಸನ್ನೆಗೋಲಿಗೇ ಕೈ ಹಾಕುತ್ತಿದ್ದಾರೆ, ಹಾಗಾಗಿ ಆ ಸೊಬಗಿಗೆ ಕೊಡುವ ಬೆಲೆ ಚಕ್ರದ ಅಂಗಡಿಯಲ್ಲೇ ಮುಗಿಯುವುದಿಲ್ಲ. ಇನ್ನೊಂದು ಮಾತು: ಇದೇ ಸನ್ನೆಗೋಲು ಒಂದು ಸಾಲನ್ನು ಒತ್ತುವಾಗ ಇನ್ನೊಂದು ಸಾಲಿನ ಭಾರ ಇಳಿಸುತ್ತದೆ. ಗಾಯ ಆ ಎರಡನೆಯ ಸಾಲಿನಲ್ಲಿದ್ದರೆ ಸದ್ದು ಹೆಚ್ಚುವ ಬದಲು ತಗ್ಗಲೂಬಹುದು. ಆದ್ದರಿಂದ ತಿರುವಿನ ಪರೀಕ್ಷೆ ದಿಕ್ಕು ತೋರಿಸುತ್ತದೆಯೇ ಹೊರತು ತೀರ್ಪು ಕೊಡುವುದಿಲ್ಲ. ತೀರ್ಪಿಗೆ ಕಾರನ್ನು ಜಾಕಿಯ ಮೇಲೆ ಎತ್ತಿ, ಗಟ್ಟಿ ಸ್ಟ್ಯಾಂಡಿನ ಮೇಲೆ ನಿಲ್ಲಿಸಲೇಬೇಕು.

ಎತ್ತಿದ ಮೇಲೆ ಬಹುತೇಕ ಗ್ಯಾರೇಜುಗಳಲ್ಲಿ ನಡೆಯುವುದು ಚಕ್ರವನ್ನು ಮೇಲೂ ಕೆಳಗೂ ಹಿಡಿದು ಅಲುಗಿಸುವುದು. ಅಲುಗಾಟ ಇಲ್ಲದಿದ್ದರೆ ‘ಬೇರಿಂಗ್ ಸರಿ ಇದೆ’ ಎಂಬ ಮಾತು ಬರುತ್ತದೆ. ಈ ಮಾತನ್ನು ನಾನು ಒಪ್ಪಲಾರೆ. ಟೇಪರ್ ರೋಲರ್ ಬೇರಿಂಗಿದ್ದ ಹಳೆಯ ಗಾಡಿಗಳಲ್ಲಿ ಅಲುಗಾಟವೇ ಮುಖ್ಯ ಸಾಕ್ಷಿಯಾಗಿತ್ತು. ಆಗ ನಟ್ ಬಿಗಿದು, ಸ್ಪ್ಲಿಟ್ ಪಿನ್ ಹಾಕಿದರೆ ಕೆಲಸ ಮುಗಿಯುತ್ತಿತ್ತು. ಈಗಿನ ಮುಚ್ಚಿದ ಬೇರಿಂಗಿನಲ್ಲಿ ರೇಸಿನ ಮೈ ಪದರ ಎದ್ದು ಸದ್ದು ಶುರುವಾಗಿ ಎಷ್ಟೋ ಕಾಲದ ಮೇಲೆ ಅಲುಗಾಟ ಬರುತ್ತದೆ. ಅಲುಗಾಟ ಬಂದಾಗ ಪತ್ತೆ ತಡವಾಗಿದೆ ಎಂದೇ ಅರ್ಥ. ಅದು ಬಂದರೂ ಅದರ ಮೂಲ ಕೇಳಬೇಕು. ಬ್ರೇಕ್ ಒತ್ತಿ ಹಿಡಿದು ಅಲುಗಿಸಿದಾಗ ಅಲುಗಾಟ ಮಾಯವಾದರೆ ಅದು ಬೇರಿಂಗಿನದ್ದು, ಉಳಿದರೆ ಬಾಲ್ ಜಾಯಿಂಟಿನ ಕಡೆ ನೋಡಬೇಕು. ಎಡಬಲಕ್ಕೆ ಮಾತ್ರ ಅಲುಗಿದರೆ ಟೈ ರಾಡ್ ಎಂಡ್ ನೋಡಬೇಕು. ಇವೆಲ್ಲಕ್ಕಿಂತ ನಂಬಿಕಸ್ಥ ಸಾಕ್ಷಿ ಸಸ್ಪೆನ್ಷನ್ನಿನ ಕಾಯಿಲ್ ಸ್ಪ್ರಿಂಗ್. ಒಂದು ಕೈಯನ್ನು ಸ್ಪ್ರಿಂಗಿನ ಮೇಲಿಟ್ಟು ಇನ್ನೊಂದರಿಂದ ಚಕ್ರ ತಿರುಗಿಸಿದರೆ ಸವೆದ ಬೇರಿಂಗಿನ ತರಿತರಿ ಅಂಗೈಗೆ ತಿಳಿಯುತ್ತದೆ. ಎರಡೂ ಕಡೆ ಮುಟ್ಟಿ ಹೋಲಿಸಿದರೆ ತಪ್ಪುವ ಸಂಭವ ತೀರಾ ಕಡಿಮೆ. ಹೀಗೆ ಗೊತ್ತಾದ ಮೇಲೆ ‘ಜೋಡಿಯಾಗಿ ಬದಲಿಸಿಬಿಡಿ’ ಎಂಬ ಸಲಹೆಗೂ ಆಧಾರ ಉಳಿಯುವುದಿಲ್ಲ. ಬ್ರೇಕ್ ಪ್ಯಾಡ್ ಜೋಡಿಯಾಗಿ ಬದಲಾಗಬೇಕು, ಬೇರಿಂಗಿಗೆ ಆ ನಿಯಮವಿಲ್ಲ. ನೋವಿಲ್ಲದ ಬೇರಿಂಗನ್ನು ಬಿಚ್ಚುವುದೆಂದರೆ ಅದನ್ನು ಕೊಂದಂತೆ, ಏಕೆಂಬುದು ಮುಂದಿನ ಮಾತಿನಲ್ಲಿದೆ.

ಹಬ್ ಹೊರಗೆ ಬರಬೇಕಾದರೆ ಅದನ್ನು ಒತ್ತುವ ಬಲ ಒಳ ರೇಸಿನಿಂದ ಗೋಲಿಗೆ, ಗೋಲಿಯಿಂದ ಹೊರ ರೇಸಿಗೆ, ಅಲ್ಲಿಂದ ನಕಲ್‌ಗೆ ಹೋಗುತ್ತದೆ. ಬೇರೆ ದಾರಿಯೇ ಇಲ್ಲ. ಟನ್ನುಗಟ್ಟಲೆ ಬಲ ಸಾಸಿವೆಕಾಳಿಗಿಂತ ಸಣ್ಣ ಸ್ಪರ್ಶಬಿಂದುಗಳ ಮೇಲೆ ಬೀಳುತ್ತದೆ. ಬೇರಿಂಗ್ ನಿಂತಲ್ಲೇ ತಾಳಬಹುದಾದ ಭಾರವನ್ನು ಎಂಜಿನಿಯರುಗಳು ನಿಗದಿ ಮಾಡಿರುವುದು ಗೋಲಿಯ ವ್ಯಾಸದ ಹತ್ತು ಸಾವಿರದಲ್ಲಿ ಒಂದು ಪಾಲಿನಷ್ಟು ಶಾಶ್ವತ ತಗ್ಗು ಬೀಳುವ ಮಟ್ಟಕ್ಕೆ. ಹನ್ನೆರಡು ಮಿಲಿಮೀಟರ್ ಗೋಲಿಗೆ ಅದು ಬರೀ 1.2 ಮೈಕ್ರಾನ್. ಅದನ್ನು ಮೀರಿದ ಪ್ರತಿ ಒತ್ತು ನಾಳಿನ ‘ಗುಂಯ್’ಗೆ ಬಿತ್ತಿದ ಬೀಜ. ಆದ್ದರಿಂದಲೇ ಹಬ್ ಬಿಚ್ಚಿದ ಬೇರಿಂಗನ್ನು, ಅದು ಎಷ್ಟೇ ಹೊಸದಾಗಿ ಕಂಡರೂ, ಮತ್ತೆ ಹಾಕಕೂಡದು. ಕೂರಿಸುವಾಗ ಮಾತ್ರ ಬಲಕ್ಕೆ ಬೇರೆ ದಾರಿ ಕೊಡುವುದು ನಮ್ಮ ಕೈಯಲ್ಲಿದೆ. ನಕಲ್‌ಗೆ ಬೇರಿಂಗ್ ತೂರಿಸುವಾಗ ಪ್ರೆಸ್ಸಿನ ಒತ್ತು ಹೊರ ರೇಸಿನ ಅಂಚಿಗೆ ಮಾತ್ರ ತಾಗಬೇಕು. ಸರ್ಕ್ಲಿಪ್ ಹಾಕಿ ಹಬ್ ತೂರಿಸುವಾಗ ಅಡಿಯಿಂದ ಆಸರೆ ಒಳ ರೇಸಿಗೇ ಸಿಗಬೇಕು. ಆಸರೆಯನ್ನು ನಕಲ್‌ಗೆ ಕೊಟ್ಟು ಹಬ್ ಒತ್ತಿದರೆ ಗೋಲಿಗಳು ಮತ್ತೆ ಸುತ್ತಿಗೆ ಮತ್ತು ಅಡಿಗಲ್ಲಿನ ನಡುವೆ ಸಿಕ್ಕಂತೆ. ತಪ್ಪು ನಡೆಯುವುದು ಹೆಚ್ಚಾಗಿ ಈ ಎರಡನೆಯ ಹಂತದಲ್ಲಿ, ಏಕೆಂದರೆ ಹೊರಗಿನಿಂದ ನೋಡಿದರೆ ಎರಡೂ ಒಂದೇ ಬಗೆಯ ಕೆಲಸ.

ಸುತ್ತಿಗೆಯಿಂದಲೇ ಸಾವಿರಾರು ಬೇರಿಂಗ್ ಕೂರಿಸಿದ ಮೇಸ್ತ್ರಿಗಳಿದ್ದಾರೆ, ಅವರ ಕೆಲಸದಲ್ಲಿ ದೋಷ ಬಂದಿಲ್ಲ ಎಂಬ ಆಕ್ಷೇಪವನ್ನು ಹಗುರವಾಗಿ ತಳ್ಳಲಾಗದು. ಅವರ ಕೈಯ ಅನುಭವ ದೊಡ್ಡದು. ಆದರೆ 2 ಮೈಕ್ರಾನ್ ಕುಳಿ ಬಿದ್ದ ಬೇರಿಂಗ್ ಅಂದೇ ಸದ್ದು ಮಾಡುವುದಿಲ್ಲ. ಅದು ಮಾತಾಡುವ ಹೊತ್ತಿಗೆ ಕಾರು ಬೇರೆ ಊರಿನಲ್ಲಿ, ಬೇರೆ ಗ್ಯಾರೇಜಿನಲ್ಲಿರುತ್ತದೆ, ದೂರು ‘ಡೂಪ್ಲಿಕೇಟ್ ಮಾಲು’ ಎಂದು ಬಿಡಿಭಾಗದ ಅಂಗಡಿಗೆ ಹೋಗುತ್ತದೆ. ನಕಲಿ ಮಾಲು ಮಾರುಕಟ್ಟೆಯಲ್ಲಿ ಇದ್ದೇ ಇದೆ, ಆದರೆ ಎಲ್ಲ ಅಕಾಲ ಮರಣಕ್ಕೂ ಅದನ್ನೇ ಹೊಣೆ ಮಾಡುವುದು ಅನ್ಯಾಯ. ಪ್ರೆಸ್ ಇಲ್ಲದ ಊರಿನಲ್ಲಿ ಏನು ಮಾಡುವುದು ಎಂದರೆ, ಪ್ರೆಸ್ ಇರುವ ಲೇತ್ ಅಂಗಡಿ ತಾಲ್ಲೂಕು ಕೇಂದ್ರದಲ್ಲಾದರೂ ಸಿಗುತ್ತದೆ. ನಕಲ್ ಬಿಚ್ಚಿ ಅಲ್ಲಿಗೆ ಒಯ್ಯುವ ಶ್ರಮ ಬೇರಿಂಗಿನ ಆಯಸ್ಸಿನ ಮುಂದೆ ದೊಡ್ಡದಲ್ಲ. 2019ರ ಏಪ್ರಿಲ್‌ನಿಂದ ಎಲ್ಲ ಹೊಸ ಕಾರುಗಳಿಗೆ ಎಬಿಎಸ್ ಕಡ್ಡಾಯವಾದ ಮೇಲೆ ಇನ್ನೊಂದು ಎಚ್ಚರವೂ ಸೇರಿದೆ. ಅನೇಕ ಬೇರಿಂಗುಗಳ ಒಂದು ಬದಿಯ ಸೀಲಿನಲ್ಲೇ ಉತ್ತರ-ದಕ್ಷಿಣ ಧ್ರುವಗಳು ಒಂದರ ಪಕ್ಕ ಒಂದು ಬರುವಂಥ ಅಯಸ್ಕಾಂತದ ಉಂಗುರವಿರುತ್ತದೆ. ಚಕ್ರದ ವೇಗವನ್ನು ಸೆನ್ಸರ್ ಓದುವುದು ಅದರಿಂದಲೇ. ಕಣ್ಣಿಗೆ ಎರಡೂ ಬದಿ ಹೆಚ್ಚುಕಡಿಮೆ ಒಂದೇ ಥರ. ತಿರುವುಮುರುವಾಗಿ ಕೂರಿಸಿದರೆ ಬೇರಿಂಗ್ ನುಣ್ಣಗೆ ತಿರುಗುತ್ತದೆ, ಆದರೆ ಎಬಿಎಸ್ ದೀಪ ಆರುವುದಿಲ್ಲ, ಸರಿಪಡಿಸಬೇಕೆಂದರೆ ಹೊಸ ಬೇರಿಂಗನ್ನೇ ಕೊಳ್ಳಬೇಕು. ಕೂರಿಸುವ ಮೊದಲು ಸಣ್ಣ ಗುಂಡುಸೂಜಿಯೊಂದನ್ನು ಎರಡೂ ಬದಿಗೆ ಹಿಡಿದು, ಎಳೆತವಿರುವ ಬದಿ ಸೆನ್ಸರಿನ ಕಡೆಗೆ ಬರುವಂತೆ ನೋಡಿಕೊಂಡರೆ ಸಾಕು.

ಕೊನೆಯ ಆಕ್ಷೇಪ ನಮ್ಮ ರಸ್ತೆಗಳದ್ದು: ಇಷ್ಟೆಲ್ಲ ನಾಜೂಕು ಮಾಡಿ, ಹೊರಗೆ ಹೋದರೆ ಗುಂಡಿ, ಹಂಪು, ಮಳೆನೀರು. ಗುಂಡಿಯ ಏಟು ಖಂಡಿತ ಕುಳಿ ಬೀಳಿಸುತ್ತದೆ. ನೀರು ಇನ್ನೂ ಕೆಟ್ಟದ್ದು. ಓಡಿ ಬಿಸಿಯಾದ ಬೇರಿಂಗ್ ಬೆಂಗಳೂರಿನ ಅಂಡರ್‌ಪಾಸಿನಲ್ಲಿ ನಿಂತ ತಣ್ಣೀರಿಗೆ ಇಳಿದಾಗ ಒಳಗಿನ ಗಾಳಿ ಕುಗ್ಗಿ, ಸೀಲಿನ ತುಟಿ ದಾಟಿ ನೀರನ್ನು ಒಳಗೆಳೆದುಕೊಳ್ಳುತ್ತದೆ. ಘಾಟಿ ಇಳಿದು ಬಂದೊಡನೆ ವಾಟರ್ ಸರ್ವಿಸ್‌ನಲ್ಲಿ ಚಕ್ರದ ನಡುವಿಗೇ ಪೈಪು ಹಿಡಿಯುವುದೂ ಇದೇ ಕೆಲಸ ಮಾಡುತ್ತದೆ. ಆದರೆ ರಸ್ತೆ ಕೆಟ್ಟದ್ದೆಂಬ ಕಾರಣಕ್ಕೆ ಕೂರಿಸುವ ಕೆಲಸ ಸಡಿಲವಾಗಬಹುದು ಎಂಬುದು ತಲೆಕೆಳಗಾದ ತರ್ಕ. ಮುಂದೆ ಏಟು ಹೆಚ್ಚು ಬೀಳಲಿದೆ ಎಂದು ಗೊತ್ತಿರುವ ಬೇರಿಂಗಿಗೆ ಮೊದಲ ಏಟು ನಾವೇ ಕೊಡಬಾರದು. ಹಬ್ಬಿನ ನಡುವಿನ ದೊಡ್ಡ ನಟ್ ವಿಷಯದಲ್ಲೂ ಇದೇ ಮಾತು. ಒಳ ರೇಸಿನ ಎರಡು ತುಂಡುಗಳನ್ನು ಒತ್ತಿ ಹಿಡಿದಿರುವುದು ಆ ನಟ್ಟೇ. ಅದು ಸಡಿಲವಿರುವಾಗ ಕಾರನ್ನು ನೆಲಕ್ಕಿಳಿಸಿ ಹತ್ತಡಿ ತಳ್ಳಿದರೂ ಭಾರ ತಪ್ಪು ದಾರಿ ಹಿಡಿಯುತ್ತದೆ. ಹೊಸ ನಟ್ ಹಾಕಿ, ನಟ್ ಬಿಗಿಯುವ ಗನ್ನಿನ ಅಂದಾಜು ಬಿಟ್ಟು, ಆ ಮಾಡೆಲ್ಲಿನ ಪುಸ್ತಕ ಹೇಳುವ ಬಿಗಿತಕ್ಕೆ ಟಾರ್ಕ್ ರೆಂಚಿನಿಂದಲೇ ಬಿಗಿಯಬೇಕು.

ಬಿಚ್ಚಿ ತೆಗೆದ ಹಳೆಯ ಬೇರಿಂಗನ್ನು ಗುಜರಿ ಡಬ್ಬಿಗೆ ಹಾಕುವ ಮುನ್ನ, ಕಣ್ಣಿಗೆ ಕನ್ನಡಕ ಹಾಕಿಕೊಂಡು ಗ್ರೈಂಡರಿನಲ್ಲಿ ಹೊರ ರೇಸನ್ನು ಸೀಳಿಸಿ ನೋಡುವಂತೆ ಮೆಕ್ಯಾನಿಕ್‌ಗೆ ಹೇಳಬಹುದು. ಗ್ರೀಸ್ ಹಾಲಿನಂತೆ ಬೆಳ್ಳಗಾಗಿ ತುಕ್ಕು ಹಿಡಿದಿದ್ದರೆ ನೀರು ಹೊಕ್ಕಿದೆ. ರೇಸಿನ ಒಂದೇ ಭಾಗದಲ್ಲಿ ಉಕ್ಕು ಚಕ್ಕೆಯೆದ್ದಿದ್ದರೆ ಅದು ತನ್ನ ಆಯಸ್ಸಿನ ಭಾರ ಹೊತ್ತು ದಣಿದಿದೆ. ಗೋಲಿಗೂ ಗೋಲಿಗೂ ಇರುವ ಅಂತರದಲ್ಲೇ ಸರಿಯಾಗಿ, ರೇಸಿನ ಸುತ್ತ ದಾರದಲ್ಲಿ ಪೋಣಿಸಿದಂತೆ ಕುಳಿಗಳಿದ್ದರೆ, ಕಳೆದ ಸಲ ಅದನ್ನು ಕೂರಿಸಿದ ಕೈ ಬಲವನ್ನು ಯಾವ ದಾರಿಯಲ್ಲಿ ಕಳಿಸಿತ್ತು ಎಂಬುದು ಅಲ್ಲಿ ಬರೆದಿರುತ್ತದೆ.